ನೆಂಟನೋ, ಅಂಗವೋ: ಜೀವಕೋಶದೊಳಗಿನ ಬ್ಯಾಕ್ಟೀರಿಯಾ ಕುರಿತ ಹಳೆಯ ವ್ಯಾಜ್ಯ

ಮುಂಗಾರಿನ ಹದಮಳೆ ಬಿದ್ದ ಮೇಲೆ ಶೇಂಗಾ ಬಿತ್ತಲು ಹೊರಟ ರೈತರಲ್ಲಿ ಕೆಲವರು ಬೀಜವನ್ನು ನೇರವಾಗಿ ಕೂರಿಗೆಗೆ ಹಾಕುವುದಿಲ್ಲ. ಬೆಲ್ಲವನ್ನು ನೀರಿನಲ್ಲಿ ಕರಗಿಸಿ, ಆ ಅಂಟುನೀರು ತಣ್ಣಗಾದ ಮೇಲೆ ಬೀಜಕ್ಕೆ ಚಿಮುಕಿಸಿ, ರೈತ ಸಂಪರ್ಕ ಕೇಂದ್ರದಿಂದಲೋ ಕೃಷಿ ವಿಶ್ವವಿದ್ಯಾಲಯದಿಂದಲೋ ತಂದ ಪೊಟ್ಟಣದ ಕಪ್ಪು ಪುಡಿಯನ್ನು ಅದರ ಮೇಲೆ ಉದುರಿಸಿ, ಬೀಜದ ತೆಳುಸಿಪ್ಪೆ ಕೀಳದಂತೆ ಹಗುರವಾಗಿ ಹೊರಳಾಡಿಸಿ, ನೆರಳಿನಲ್ಲಿ ಗೋಣಿತಾಟಿನ ಮೇಲೆ ಹರಡಿ ಆರಲು ಬಿಡುತ್ತಾರೆ. ನೆರಳೇ ಬೇಕು, ಏಕೆಂದರೆ ಪುಡಿಯಲ್ಲಿರುವುದು ಜೀವಂತ ಬ್ಯಾಕ್ಟೀರಿಯಾ; ಬಿಸಿಲಿಗಿಟ್ಟರೆ ಸಾಯುತ್ತದೆ. ಬಿತ್ತಿ ಒಂದೂವರೆ ತಿಂಗಳಾದ ಮೇಲೆ ಒಂದು ಗಿಡವನ್ನು ಮಣ್ಣಿನ ಸಮೇತ ಎಬ್ಬಿಸಿ, ಬೇರಿಗಂಟಿದ ಸಾಸಿವೆ ಗಾತ್ರದ ಗಂಟೊಂದನ್ನು ಉಗುರಿನಿಂದ ಸೀಳಿದರೆ ಒಳಗೆ ನಸುಗೆಂಪು ಕಾಣುತ್ತದೆ. ಆ ಬಣ್ಣ ನಮ್ಮ ರಕ್ತದ ಹಿಮೋಗ್ಲೋಬಿನ್‌ಗೆ ಹತ್ತಿರದ ಸಂಬಂಧಿಯಾದ ಒಂದು ಪ್ರೋಟೀನಿನದು. ಸಾರಜನಕವನ್ನು ಹಿಡಿದಿಡುವ ಕಿಣ್ವ ಆಮ್ಲಜನಕ ತಾಗಿದರೆ ಕೆಡುತ್ತದೆಯಾದ್ದರಿಂದ, ಆಮ್ಲಜನಕವನ್ನು ಅಳೆದು ಸುರಿದಂತೆ ಒದಗಿಸುವುದು ಆ ಪ್ರೋಟೀನಿನ ಕೆಲಸ. ಗಂಟಿನ ಒಳಗು ಕೆಂಪಗಿದ್ದರೆ ಅದು ದುಡಿಯುತ್ತಿದೆ ಎಂದು ಅರ್ಥ. ಬೆಳ್ಳಗೋ ಹಸಿರಾಗಿಯೋ ಇದ್ದರೆ ದುಡಿಯುತ್ತಿಲ್ಲ.

ಆ ಗಂಟಿನ ಒಂದೊಂದು ಜೀವಕೋಶದೊಳಗೂ ಸಾವಿರಾರು ಬ್ಯಾಕ್ಟೀರಿಯಾಗಳು ಗಿಡವೇ ನೇಯ್ದುಕೊಟ್ಟ ಪೊರೆಯೊಳಗೆ ಕುಳಿತಿರುತ್ತವೆ. ಗಿಡ ಅವಕ್ಕೆ ಎಲೆಯಲ್ಲಿ ತಯಾರಾದ ಆಹಾರವನ್ನು ಕೊಡುತ್ತದೆ, ಅವು ಗಾಳಿಯ ಸಾರಜನಕವನ್ನು ಅಮೋನಿಯಾ ಮಾಡಿ ಗಿಡಕ್ಕೆ ಕೊಡುತ್ತವೆ. ಸಂಬಂಧ ಇಷ್ಟು ಒಳಗಿನದಾದರೂ ಅದು ಒಂದು ಬೆಳೆಗೆ ಮುಗಿಯುತ್ತದೆ. ಕೊಯ್ಲಾದ ಶೇಂಗಾ ಬೀಜದಲ್ಲಿ ಆ ಬ್ಯಾಕ್ಟೀರಿಯಾ ಇರುವುದಿಲ್ಲ. ಮುಂದಿನ ಸಸಿ ಮಣ್ಣಿನಿಂದಲೋ ಬೆಲ್ಲದ ಅಂಟಿನಿಂದಲೋ ಅದನ್ನು ಹೊಸದಾಗಿ ಕರೆಯಬೇಕು. ಅದೇ ಗಿಡದ ಎಲೆಯಲ್ಲಿ ಬೆಳಕಿನಿಂದ ಆಹಾರ ತಯಾರಿಸುವ ಹಸಿರು ಕ್ಲೋರೋಪ್ಲಾಸ್ಟ್‌ಗಳಿವೆ, ಎಲ್ಲ ಕೋಶಗಳಲ್ಲೂ ಆಹಾರದಿಂದ ಶಕ್ತಿ ತೆಗೆಯುವ ಮೈಟೋಕಾಂಡ್ರಿಯಗಳಿವೆ. ಇವು ಬೀಜದೊಂದಿಗೇ ಬರುತ್ತವೆ, ಇವನ್ನು ಯಾರೂ ಪೊಟ್ಟಣದಲ್ಲಿ ತರಬೇಕಿಲ್ಲ. ಇವೂ ಒಂದು ಕಾಲಕ್ಕೆ ಹೊರಗಿನಿಂದ ಬಂದ ಬ್ಯಾಕ್ಟೀರಿಯಾಗಳೇ ಎಂಬುದನ್ನು ಇಂದು ಪ್ರೌಢಶಾಲೆ ದಾಟಿದವರು ಎಲ್ಲೋ ಓದಿರುತ್ತಾರೆ. ಆದರೆ ಆ ಮಾತು ಪಠ್ಯಪುಸ್ತಕಕ್ಕೆ ಬರಲು ಸುಮಾರು ನೂರು ವರ್ಷ ಹಿಡಿಯಿತು, ಮತ್ತು ಆ ನೂರು ವರ್ಷಗಳಲ್ಲಿ ಬಹುಪಾಲು ಅದು ನಗೆಪಾಟಲಿನ ವಿಷಯವಾಗಿತ್ತು.

ಮೊದಲ ಜಗಳ ನಡೆದದ್ದು ಕಲ್ಲುಹೂವಿನ ಮೇಲೆ. ನಾವು ಮಸಾಲೆಗೆ ಹುರಿದು ಹಾಕುವ ಕಲ್ಲುಹೂವು ಅಂದಿನ ಸಸ್ಯಶಾಸ್ತ್ರಜ್ಞರ ಪಾಲಿಗೆ ಒಂದು ಸಸ್ಯ. 1867ರಲ್ಲಿ ಸ್ವಿಟ್ಜರ್ಲೆಂಡಿನ ಸೈಮನ್ ಶ್ವೆಂಡೆನರ್ ಅದು ಒಂದಲ್ಲ, ಎರಡು ಜೀವಿ ಎಂದರು: ಒಂದು ಶಿಲೀಂಧ್ರ, ಅದರ ಎಳೆಗಳ ನಡುವೆ ಸಿಕ್ಕಿಕೊಂಡ ಪಾಚಿ. ಶಿಲೀಂಧ್ರವನ್ನು ಒಡೆಯನಿಗೂ ಪಾಚಿಯನ್ನು ಜೀತದಾಳುಗಳಿಗೂ ಹೋಲಿಸಿದ ಅವರ ವರ್ಣನೆ ಕಲ್ಲುಹೂವಿನ ತಜ್ಞರನ್ನು ರೊಚ್ಚಿಗೆಬ್ಬಿಸಿತು. ಜೀವಮಾನವಿಡೀ ಸಾವಿರಾರು ಪ್ರಭೇದಗಳಿಗೆ ಹೆಸರಿಟ್ಟವರಿಗೆ ಆ ಪ್ರಭೇದಗಳೇ ಇಲ್ಲ ಎಂದರೆ ಹೇಗಾದೀತು? ಹನ್ನೊಂದು ವರ್ಷಗಳ ಬಳಿಕ, 1878ರಲ್ಲಿ, ಜರ್ಮನಿಯ ಆಂಟನ್ ಡಿ ಬೇರಿ ಈ ಬಗೆಯ ಕೂಡುಬಾಳಿಗೆ ‘ಸಿಂಬಯೋಸಿಸ್’ ಎಂಬ ಪದವನ್ನು ನಿಲ್ಲಿಸಿದರು. ಬೇರೆ ಬೇರೆ ಹೆಸರಿನ ಜೀವಿಗಳು ಒಟ್ಟಿಗೆ ಬದುಕುವುದು ಎಂಬಷ್ಟೇ ಅವರ ಅರ್ಥ. ಪರಾವಲಂಬನೆಯೂ ಅದರೊಳಗೆ ಸೇರಿತ್ತು. ಕನ್ನಡದಲ್ಲಿ ನಾವು ಅದನ್ನು ‘ಸಹಜೀವನ’ ಎಂದಾಗ ಒಂದಿಷ್ಟು ಸೌಹಾರ್ದದ ಬಣ್ಣ ತಾನಾಗಿ ಸೇರಿಕೊಳ್ಳುತ್ತದೆ, ಅದು ಡಿ ಬೇರಿಯವರದಲ್ಲ. ಬೇಳೆಕಾಳಿನ ಬೇರಿನ ಗಂಟಿನ ಗುಟ್ಟೂ ಇದೇ ಕಾಲದಲ್ಲಿ ಬಯಲಾಯಿತು. ಗಂಟುಗಳಿಗೂ ಸಾರಜನಕಕ್ಕೂ ಇರುವ ನಂಟನ್ನು 1886ರಲ್ಲಿ ಜರ್ಮನಿಯ ಹೆರ್ಮನ್ ಹೆಲ್ರೀಗೆಲ್ ಪ್ರಕಟಿಸಿದರೆ, ಎರಡೇ ವರ್ಷದಲ್ಲಿ ಡಚ್ ವಿಜ್ಞಾನಿ ಮಾರ್ಟಿನಸ್ ಬೈಜೆರಿಂಕ್ ಅದರೊಳಗಿನ ಬ್ಯಾಕ್ಟೀರಿಯಾವನ್ನು ಬೇರ್ಪಡಿಸಿ ಬೆಳೆಸಿದರು.

ಬೇರೆ ಬೇರೆ ಜೀವಿಗಳು ಅಕ್ಕಪಕ್ಕ ಬದುಕುವುದು ಒಂದು ಮಾತು, ಕೋಶದ ಭಾಗವೇ ಬೇರೆ ಜೀವಿ ಎನ್ನುವುದು ಇನ್ನೊಂದು ಮಾತು. ಈ ಎರಡನೆಯ ಶಂಕೆ ಮೊದಲು ಕಾಣಿಸಿಕೊಂಡದ್ದು ಒಂದು ಅಡಿಟಿಪ್ಪಣಿಯಲ್ಲಿ. 1883ರಲ್ಲಿ ಆಂಡ್ರಿಯಾಸ್ ಶಿಂಪರ್ ಎಲೆಯ ಹಸಿರು ಕಣಗಳು (ಎಂದರೆ ಕ್ಲೋರೋಪ್ಲಾಸ್ಟ್‌ಗಳು) ಕೋಶರಸದಿಂದ ಹೊಸದಾಗಿ ಹುಟ್ಟುವುದಿಲ್ಲ, ಇರುವ ಕಣಗಳು ಸೀಳಿಯೇ ಹೆಚ್ಚುತ್ತವೆ ಎಂದು ತೋರಿಸಿದರು. ಅದು ನಿಜವಾದರೆ ಈ ಸಂಬಂಧ ಕೂಡುಬಾಳನ್ನು ನೆನಪಿಸುತ್ತದೆ ಎಂದು ಪುಟದ ಬುಡದಲ್ಲಿ ಬರೆದು ಸುಮ್ಮನಾದರು. ಆ ಟಿಪ್ಪಣಿಯನ್ನು ಸಿದ್ಧಾಂತವಾಗಿ ಬೆಳೆಸಿದವರು ರಷ್ಯದ ಕಜಾನಿನ ಕಾನ್‌ಸ್ಟಾಂಟಿನ್ ಮೆರೆಷ್ಕೋವ್‌ಸ್ಕಿ. 1905ರ ಅವರ ಲೇಖನದ ಪ್ರಕಾರ ಹಸಿರು ಕಣಗಳು ಎಂದರೆ ಎಂದೋ ಒಳಹೊಕ್ಕ ನೀಲಿಹಸಿರು ಪಾಚಿಗಳು (ಇಂದು ಇವನ್ನು ಬ್ಯಾಕ್ಟೀರಿಯಾಗಳೆಂದೇ ಎಣಿಸುತ್ತಾರೆ). ನೀರಿನ ಬುಗ್ಗೆಯ ಪಕ್ಕದಲ್ಲಿ ನಿಂತ ತಾಳೆಮರವನ್ನೂ ಪೊದೆಯಲ್ಲಿ ಹೊಂಚುಹಾಕಿದ ಸಿಂಹವನ್ನೂ ಅವರು ಎದುರುಬದುರು ಇಟ್ಟರು. ಮರ ಅಷ್ಟು ಶಾಂತವಾಗಿರಲು ಕಾರಣ ಅದರೊಳಗೆ ದುಡಿದು ಉಣಿಸುವ ಅಸಂಖ್ಯ ಹಸಿರು ಆಳುಗಳು. ಸಿಂಹದ ಕೋಶಗಳಲ್ಲೂ ಅವನ್ನು ತುಂಬಿದರೆ ಅದೂ ಮರದ ಪಕ್ಕದಲ್ಲಿ ತಣ್ಣಗೆ ಮಲಗೀತು ಎಂಬುದು ಅವರ ಕಲ್ಪನೆ. ಚಿತ್ರ ಸೊಗಸಾಗಿದೆ, ಆದರೆ ಚಿತ್ರ ಪುರಾವೆಯಲ್ಲ.

ಮೈಟೋಕಾಂಡ್ರಿಯದ ಕಡೆಯವರು ಇದಕ್ಕಿಂತ ಹೆಚ್ಚು ಎಡವಿದರು. ಫ್ರಾನ್ಸಿನ ಪಾಲ್ ಪೋರ್ಟಿಯೆ 1918ರಲ್ಲಿ ಮೈಟೋಕಾಂಡ್ರಿಯಗಳು ಬ್ಯಾಕ್ಟೀರಿಯಾಗಳೇ ಎಂದು ವಾದಿಸಿದರು. ಅಮೆರಿಕದ ಐವನ್ ವಾಲಿನ್ 1920ರ ದಶಕದಲ್ಲಿ ತಾವು ಅವನ್ನು ಕೋಶದಿಂದ ಹೊರತೆಗೆದು ಪಾತ್ರೆಯಲ್ಲಿ ಬೆಳೆಸಿರುವುದಾಗಿಯೂ ಹೇಳಿದರು. ಪಾತ್ರೆಯಲ್ಲಿ ಬೆಳೆದದ್ದು ಹೊರಗಿನಿಂದ ಸೇರಿದ ಕಲ್ಮಶದ ಬ್ಯಾಕ್ಟೀರಿಯಾ ಎಂದು ಉಳಿದವರು ತೀರ್ಮಾನಿಸಿದರು, ಅವರು ಹೇಳಿದ್ದೇ ಸರಿ. ಮೈಟೋಕಾಂಡ್ರಿಯವನ್ನು ಕೋಶದ ಹೊರಗೆ ಬೆಳೆಸಲು ಇಂದಿಗೂ ಆಗಿಲ್ಲ, ಏಕೆ ಆಗದು ಎಂಬುದು ಮುಂದೆ ತಿಳಿಯುತ್ತದೆ. ಅಂದಿನ ಕೋಶವಿಜ್ಞಾನದ ಹಿರಿಯರಾದ ಇ. ಬಿ. ವಿಲ್ಸನ್ ತಮ್ಮ 1925ರ ಗ್ರಂಥದಲ್ಲಿ ಇಂಥ ಊಹೆಗಳು ಮರ್ಯಾದಸ್ಥ ಜೀವವಿಜ್ಞಾನಿಗಳ ಕೂಟದಲ್ಲಿ ಎತ್ತಲಾಗದಷ್ಟು ವಿಚಿತ್ರ ಎಂಬರ್ಥದಲ್ಲಿ ಬರೆದರು. ಆ ಸಾಲಿನ ಮೊದಲರ್ಧವನ್ನು ಮಾತ್ರ ಎತ್ತಿ ಅವರನ್ನು ಮೂದಲಿಸುವುದು ವಾಡಿಕೆಯಾಗಿಬಿಟ್ಟಿದೆ. ಇವನ್ನು ಮುಂದೊಂದು ದಿನ ಗಂಭೀರವಾಗಿ ಪರಿಗಣಿಸಬೇಕಾಗಿ ಬರಬಹುದು ಎಂದೂ ಅವರು ಅದಕ್ಕೇ ಸೇರಿಸಿ ಬರೆದಿದ್ದಾರೆ.

ಆ ದಿನ ಬಂದದ್ದು ಡಿಎನ್‌ಎ ಮೂಲಕ. ವಂಶವಾಹಿಗಳು ಇರುವುದು ಕೋಶಕೇಂದ್ರದಲ್ಲಿ ಎಂದು ಎಲ್ಲರೂ ಒಪ್ಪಿದ್ದ ಕಾಲದಲ್ಲಿ, 1962ರಲ್ಲಿ, ಅಮೆರಿಕದ ವಿಸ್ಕಾನ್ಸಿನ್‌ನ ಹಾನ್ಸ್ ರಿಸ್ ಮತ್ತು ವಾಲ್ಟರ್ ಪ್ಲಾಟ್ ಒಂದು ಹಸಿರು ಪಾಚಿಯ ಕ್ಲೋರೋಪ್ಲಾಸ್ಟಿನೊಳಗೆ ಡಿಎನ್‌ಎ ಎಳೆಗಳನ್ನು ಕಂಡರು. ಮರುವರ್ಷ ಮಾರ್ಗಿಟ್ ಮತ್ತು ಸಿಲ್ವನ್ ನಾಸ್ ಕೋಳಿಭ್ರೂಣದ ಮೈಟೋಕಾಂಡ್ರಿಯದಲ್ಲೂ ಅಂಥ ಎಳೆಗಳನ್ನು ಕಂಡರು. ರಿಸ್ ಮತ್ತು ಪ್ಲಾಟ್ ಅವರ ಬಳಿ ಕಲಿತಿದ್ದ ಲಿನ್ ಸೇಗನ್ (ಲಿನ್ ಮಾರ್ಗುಲಿಸ್ ಎಂದು ಆಮೇಲೆ ಹೆಸರಾದವರು) ಚದುರಿದ ಈ ಸಂಗತಿಗಳನ್ನು ಒಂದೇ ಕಥನಕ್ಕೆ ಕಟ್ಟಿ 1967ರಲ್ಲಿ ಒಂದು ಸುದೀರ್ಘ ಪ್ರಬಂಧವನ್ನು ಪ್ರಕಟಿಸಿದರು. ಹದಿನೈದರಷ್ಟು ಪತ್ರಿಕೆಗಳು ಅದನ್ನು ಹಿಂದಿರುಗಿಸಿದ್ದವು ಎಂದು ಅವರೇ ಹೇಳುತ್ತಿದ್ದರು. ಒಂಟಿ ಹೆಣ್ಣುಮಗಳೊಬ್ಬಳು ಇಡೀ ವಿಜ್ಞಾನಲೋಕವನ್ನು ಎದುರಿಸಿ ಗೆದ್ದಳು ಎಂಬ ಕಥೆ ಇಲ್ಲಿಂದ ಹುಟ್ಟಿತು. ಆ ಕಥೆಯಲ್ಲಿ ಸತ್ಯವಿದೆ, ಆದರೆ ಪೂರ್ತಿ ಇಲ್ಲ. ಎದುರಾಳಿಗಳು ಮೊಂಡರಾಗಿರಲಿಲ್ಲ: ಕೋಶಕೇಂದ್ರದ ವಂಶವಾಹಿಗಳ ಒಂದು ತುಣುಕೇ ಪೊರೆಯೊಳಗೆ ಬೇರ್ಪಟ್ಟು ಮೈಟೋಕಾಂಡ್ರಿಯ ಆಗಿರಬಹುದಲ್ಲವೇ ಎಂದು 1972ರಲ್ಲಿ ರುಡಾಲ್ಫ್ ರ‍್ಯಾಫ್ ಮತ್ತು ಹೆನ್ರಿ ಮಾಲರ್ ಕೇಳಿದರು. ಅಂದಿನ ಪುರಾವೆಗಳಿಂದ ಆ ಪ್ರಶ್ನೆಯನ್ನು ತಳ್ಳಿಹಾಕುವಂತಿರಲಿಲ್ಲ. ಮಾರ್ಗುಲಿಸ್ ಕೂಡ ಎಲ್ಲದರಲ್ಲೂ ಗೆಲ್ಲಲಿಲ್ಲ. ಕೋಶಗಳ ಚಾವಟಿಬಾಲವೂ ಸುರುಳಿ ಬ್ಯಾಕ್ಟೀರಿಯಾದಿಂದಲೇ ಬಂದದ್ದು ಎಂದು ಅವರು ಕೊನೆಯವರೆಗೂ ಹಿಡಿದ ಪಟ್ಟಿಗೆ ಆಧಾರ ಸಿಗಲಿಲ್ಲ.

ವ್ಯಾಜ್ಯ ತೀರಿದ್ದು ವಾದದಿಂದಲ್ಲ, ಒಂದು ಹೊಸ ಅಳತೆಗೋಲಿನಿಂದ. ಎಲ್ಲ ಜೀವಿಗಳಲ್ಲೂ ಇರುವ, ಪ್ರೋಟೀನು ತಯಾರಿಸುವ ಯಂತ್ರವಾದ ರೈಬೋಸೋಮಿನ ಆರ್‌ಎನ್‌ಎಯನ್ನು ಹೋಲಿಸಿ ನೋಡಿ ಯಾರಿಗೆ ಯಾರು ನೆಂಟರು ಎಂದು ಹೇಳುವ ವಿಧಾನವನ್ನು ಕಾರ್ಲ್ ವೂಸ್ ರೂಪಿಸಿದ್ದರು. ಕೆನಡಾದ ಹ್ಯಾಲಿಫ್ಯಾಕ್ಸ್‌ನಲ್ಲಿ ಲಿಂಡಾ ಬೊನೆನ್ ಮತ್ತು ಫೋರ್ಡ್ ಡೂಲಿಟಲ್ 1975ರಲ್ಲಿ ಆ ಅಳತೆಗೋಲನ್ನು ಒಂದು ಕೆಂಪು ಪಾಚಿಯ ಮೇಲೆ ಹಿಡಿದರು. ಅದರ ಕ್ಲೋರೋಪ್ಲಾಸ್ಟಿನ ಆರ್‌ಎನ್‌ಎ ತಾನಿರುವ ಕೋಶದ ಆರ್‌ಎನ್‌ಎಗಿಂತ ಬ್ಯಾಕ್ಟೀರಿಯಾದ್ದಕ್ಕೇ ಹತ್ತಿರವಾಗಿತ್ತು. ಮನೆಯ ಮಗುವಿನ ಮುಖ ಬೇರೆ ಊರಿನವರನ್ನು ಹೋಲಿದಂತೆ. 1977ರಲ್ಲಿ ಅದೇ ಊರಿನ ತಂಡ ಗೋಧಿಯ ಮೈಟೋಕಾಂಡ್ರಿಯದಲ್ಲೂ ಬ್ಯಾಕ್ಟೀರಿಯಾದ ಚಹರೆಯನ್ನೇ ಕಂಡಿತು. ಇದಕ್ಕೆ ಒಂದು ವೈದ್ಯಕೀಯ ಸಾಕ್ಷಿಯೂ ಉಂಟು. ಬ್ಯಾಕ್ಟೀರಿಯಾದ ರೈಬೋಸೋಮನ್ನು ತಡೆಯಲೆಂದು ಕೊಡುವ ಕ್ಲೋರಾಂಫೆನಿಕಾಲ್ ಔಷಧದ ಪ್ರಮಾಣ ಹೆಚ್ಚಾದಾಗ ರೋಗಿಯ ಅಸ್ಥಿಮಜ್ಜೆ ಕುಗ್ಗುತ್ತದೆ, ಏಕೆಂದರೆ ಔಷಧ ನಮ್ಮ ಮೈಟೋಕಾಂಡ್ರಿಯದ ರೈಬೋಸೋಮನ್ನೂ ತಡೆಯುತ್ತದೆ. ಹಳೆಯ ನೆಂಟಸ್ತನವನ್ನು ಮಾತ್ರೆ ಇನ್ನೂ ಗುರುತಿಸುತ್ತದೆ.

ಹಾಗಾದರೆ ಒಳಗೆ ಬಂದ ಬ್ಯಾಕ್ಟೀರಿಯಾ ಯಾವ ಹಂತದಲ್ಲಿ ನೆಂಟನಾಗಿ ಉಳಿಯುವುದಿಲ್ಲ? ಈ ದಾರಿಯ ಮೊದಲ ಹೆಜ್ಜೆಯನ್ನು ಕಣ್ಣೆದುರೇ ಕಂಡವರು ಕ್ವಾಂಗ್ ಜಿಯಾನ್. 1966ರಲ್ಲಿ ಅಮೆರಿಕದ ಬಫಲೋದಲ್ಲಿ ಅವರು ಸಾಕುತ್ತಿದ್ದ ಅಮೀಬಾಗಳಿಗೆ ಬ್ಯಾಕ್ಟೀರಿಯಾ ಸೋಂಕು ತಗುಲಿತು. ಒಂದೊಂದು ಅಮೀಬಾದೊಳಗೂ ಹತ್ತಾರು ಸಾವಿರ ಬ್ಯಾಕ್ಟೀರಿಯಾ. ಬಹುಪಾಲು ಅಮೀಬಾಗಳು ಸತ್ತವು. ಬೇರೆ ಯಾರಾದರೂ ಪಾತ್ರೆ ತೊಳೆದು ಹೊಸದಾಗಿ ಶುರುಮಾಡುತ್ತಿದ್ದರು. ಜಿಯಾನ್ ಮಾತ್ರ ಬದುಕುಳಿದ ಕೆಲವನ್ನು ಜೋಪಾನ ಮಾಡಿದರು. ಕೆಲವು ವರ್ಷಗಳ ಬಳಿಕ ಆ ಅಮೀಬಾಗಳ ಕೋಶಕೇಂದ್ರವನ್ನು ತೆಗೆದು ಸೋಂಕಿಲ್ಲದ ಅಮೀಬಾಕ್ಕೆ ಕಸಿ ಮಾಡಿದಾಗ ಅದು ಬದುಕಲಿಲ್ಲ. ಜೊತೆಗೆ ಆ ಬ್ಯಾಕ್ಟೀರಿಯಾಗಳನ್ನೂ ಚುಚ್ಚಿ ಸೇರಿಸಿದರೆ ಬದುಕಿತು. ಕೊಲ್ಲಲು ಬಂದದ್ದು ಇಲ್ಲದೆ ಬಾಳಲಾಗದ ಸ್ಥಿತಿ ಕೆಲವೇ ವರ್ಷಗಳಲ್ಲಿ ಉಂಟಾಗಿತ್ತು.

ಆ ದಾರಿಯಲ್ಲಿ ಬಹಳ ದೂರ ಹೋದ ಉದಾಹರಣೆ ಬೇಕಿದ್ದರೆ ಹೇನು ಹತ್ತಿದ ಅವರೆಯ ಕುಡಿಯನ್ನು ನೋಡಬೇಕು. ಸಸ್ಯಹೇನು ಹೀರುವ ರಸದಲ್ಲಿ ಸಕ್ಕರೆ ಧಾರಾಳವಾಗಿದೆ, ಅತ್ಯಗತ್ಯ ಅಮೈನೋ ಆಮ್ಲಗಳು ಸಾಲವು. ಅವನ್ನು ತಯಾರಿಸಿಕೊಡುವುದು ಹೇನಿನ ಹೊಟ್ಟೆಯ ವಿಶೇಷ ಕೋಶಗಳಲ್ಲಿ ನೆಲೆಸಿರುವ ಬುಕ್ನೇರಾ ಎಂಬ ಬ್ಯಾಕ್ಟೀರಿಯಾ. ಅದು ತಾಯಿಯಿಂದ ಮರಿಗೆ ನೇರವಾಗಿ ಸಾಗುತ್ತದೆ, ಶೇಂಗಾದಂತೆ ಪ್ರತಿಸಲ ಕರೆಯುವ ಗೋಜಿಲ್ಲ. 2000ದಲ್ಲಿ ಜಪಾನಿನ ವಿಜ್ಞಾನಿಗಳು ಓದಿದ ಅದರ ಡಿಎನ್‌ಎ ಬರೀ 6.4 ಲಕ್ಷ ಅಕ್ಷರಗಳದ್ದು. ನಮ್ಮ ಕರುಳಿನಲ್ಲಿರುವ ಅದರ ಸಂಬಂಧಿ ಈ. ಕೊಲೈಗೆ ಸುಮಾರು 46 ಲಕ್ಷ. ಸ್ವತಂತ್ರ ಬದುಕಿಗೆ ಬೇಕಾದದ್ದನ್ನೆಲ್ಲ ಅದು ಕಳೆದುಕೊಂಡಿದೆ. ಮಾನವನ ಮೈಟೋಕಾಂಡ್ರಿಯದ ಡಿಎನ್‌ಎ ಇನ್ನೂ ಚಿಕ್ಕದು: 1981ರಲ್ಲಿ ಓದಿದಾಗ ಸಿಕ್ಕಿದ್ದು 16,569 ಅಕ್ಷರಗಳು, 37 ವಂಶವಾಹಿಗಳು, ಅವುಗಳಲ್ಲಿ ಪ್ರೋಟೀನಿಗೆ ಸೂತ್ರ ಬರೆದವು 13 ಮಾತ್ರ. ಮೈಟೋಕಾಂಡ್ರಿಯಕ್ಕೆ ಬೇಕಾದ ಪ್ರೋಟೀನುಗಳಾದರೋ ಸಾವಿರಕ್ಕೂ ಹೆಚ್ಚು. ಉಳಿದೆಲ್ಲದರ ಸೂತ್ರ ಈಗ ಕೋಶಕೇಂದ್ರದ ಕೈಯಲ್ಲಿದೆ. ಪ್ರೋಟೀನುಗಳು ಹೊರಗೆ ತಯಾರಾಗಿ, ವಿಳಾಸದ ಚೀಟಿಯಂಥ ಒಂದು ತುಣುಕನ್ನು ತಲೆಗೆ ಅಂಟಿಸಿಕೊಂಡು, ಪೊರೆ ದಾಟಿ ಒಳಗೆ ಹೋಗುತ್ತವೆ. ವಾಲಿನ್ ಅವರ ಪಾತ್ರೆಯಲ್ಲಿ ಮೈಟೋಕಾಂಡ್ರಿಯ ಬೆಳೆಯಲು ಸಾಧ್ಯವಿರಲಿಲ್ಲ ಎಂಬುದಕ್ಕೆ ಕಾರಣ ಇದೇ. ನೆಂಟನಿಗೂ ಅಂಗಕ್ಕೂ ನಡುವೆ ಗೆರೆ ಎಳೆಯಲೇಬೇಕೆಂದರೆ ಇಲ್ಲಿ ಎಳೆಯಬೇಕು ಎಂಬುದು ಹಲವರ ಮತ: ಮನೆಯ ಅಡುಗೆ ಒಳಗಿನವನ ಕೋಣೆಗೆ ಹೋಗತೊಡಗಿದ ಹಂತದಲ್ಲಿ. ನನಗೂ ಇದೇ ಸರಿಯೆನಿಸುತ್ತದೆ, ಆದರೆ ಪ್ರಕೃತಿ ಈ ಗೆರೆಯನ್ನು ಅಷ್ಟಾಗಿ ಗೌರವಿಸುವುದಿಲ್ಲ. ಬಟಾಣಿಯ ಬೇರಿನ ಗಂಟಿಗೂ ಗಿಡ ತನ್ನ ಸಣ್ಣ ಪ್ರೋಟೀನುಗಳನ್ನು ಕಳಿಸಿ ಬ್ಯಾಕ್ಟೀರಿಯಾ ಮತ್ತೆ ಮರಿಮಾಡದಂತೆ ಮಾಡುತ್ತದೆ, ಹಾಗಿದ್ದೂ ಅದನ್ನು ಯಾರೂ ಅಂಗವೆನ್ನುವುದಿಲ್ಲ.

ಈ ಗೆರೆಯ ಪ್ರಶ್ನೆಯನ್ನು ಮತ್ತೆ ಮುನ್ನೆಲೆಗೆ ತಂದದ್ದು ಕಡಲಿನ ಒಂದು ಪಾಚಿ. 1998ರಲ್ಲಿ ಅಮೆರಿಕದ ಜೊನಾಥನ್ ಜೇರ್ ಅವರಿಗೆ ಪೆಸಿಫಿಕ್ ಸಾಗರದ ನೀರಿನಲ್ಲಿ ಸಾರಜನಕ ಹಿಡಿಯುವ ಅಜ್ಞಾತ ಬ್ಯಾಕ್ಟೀರಿಯಾವೊಂದರ ಡಿಎನ್‌ಎ ತುಣುಕು ಸಿಕ್ಕಿತು, ಜೀವಿ ಸಿಗಲಿಲ್ಲ. ಅದು ಒಂದು ಏಕಕೋಶ ಪಾಚಿಯೊಂದಿಗೆ ಬದುಕುತ್ತದೆ ಎಂದು ತಿಳಿಯಲು 2012 ಬೇಕಾಯಿತು. ಅತ್ತ ಜಪಾನಿನ ಕೊಚ್ಚಿ ವಿಶ್ವವಿದ್ಯಾಲಯದ ಕ್ಯೋಕೊ ಹಗಿನೊ ಅದೇ ಪಾಚಿಯನ್ನು ಪ್ರಯೋಗಾಲಯದಲ್ಲಿ ಬೆಳೆಸಲು ಹತ್ತು ವರ್ಷಕ್ಕೂ ಹೆಚ್ಚು ಕಾಲ ಹೆಣಗುತ್ತಿದ್ದರು. ಅವರು ಯಶಸ್ವಿಯಾದ ಮೇಲೆ ಇಬ್ಬರ ಕೆಲಸ ಕೂಡಿ, 2024ರ ಏಪ್ರಿಲ್‌ನಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ಪ್ರಕಟವಾದ ಸಂಶೋಧನೆ ಈ ಬ್ಯಾಕ್ಟೀರಿಯಾವನ್ನು ನೆಂಟರ ಪಟ್ಟಿಯಿಂದ ತೆಗೆದು ಕೋಶದ ಅಂಗಗಳ ಪಟ್ಟಿಗೆ ಸೇರಿಸಿ ‘ನೈಟ್ರೋಪ್ಲಾಸ್ಟ್’ ಎಂದು ಕರೆಯಿತು. ಪಾಚಿ ಇಬ್ಭಾಗವಾಗುವಾಗ ಕೋಶದ ಉಳಿದ ಅಂಗಗಳೊಂದಿಗೆ ಇದೂ ಸರದಿಯ ಪ್ರಕಾರ ಇಬ್ಭಾಗವಾಗುತ್ತದೆ. ಇದರ ಪ್ರೋಟೀನುಗಳಲ್ಲಿ ಗಣನೀಯ ಪಾಲು ಪಾಚಿಯ ಕೋಶಕೇಂದ್ರದ ಸೂತ್ರದಿಂದ ತಯಾರಾಗಿ, ವಿಳಾಸದ ತುಣುಕು ಹೊತ್ತು ಒಳಗೆ ಬಂದವು. ಮೈಟೋಕಾಂಡ್ರಿಯದ ಸಂಬಂಧ ನೂರೈವತ್ತು ಕೋಟಿ ವರ್ಷಗಳಿಗೂ ಹಳೆಯದಾದರೆ ಇದು ಸುಮಾರು ಹತ್ತು ಕೋಟಿ ವರ್ಷಗಳದ್ದು, ಎಂದರೆ ಇನ್ನೂ ಎಳೆಯದು. ಅದರ ಡಿಎನ್‌ಎ ಇಂದಿಗೂ ಹದಿನಾಲ್ಕು ಲಕ್ಷ ಅಕ್ಷರಗಳಷ್ಟಿದೆ.

ಸುದ್ದಿ ಬಂದ ವಾರವೇ ಇನ್ನು ಭತ್ತಕ್ಕೂ ಗೋಧಿಗೂ ಯೂರಿಯಾ ಬೇಡ ಎಂಬರ್ಥದ ಶೀರ್ಷಿಕೆಗಳು ಕಾಣಿಸಿಕೊಂಡವು. ಅದು ಅವಸರದ ಮಾತು. ಏಕದಳ ಬೆಳೆಯ ಕೋಶದೊಳಗೆ ಇಂಥದ್ದೊಂದನ್ನು ಇರಿಸುವುದೆಂದರೆ ಬ್ಯಾಕ್ಟೀರಿಯಾವನ್ನು ಒಳಗೆ ಬಿಟ್ಟಷ್ಟಕ್ಕೆ ಮುಗಿಯುವುದಿಲ್ಲ; ಅದಕ್ಕೆ ಬೇಕಾದ ನೂರಾರು ಪ್ರೋಟೀನುಗಳನ್ನು ಬೆಳೆಯ ಕೋಶಕೇಂದ್ರ ತಯಾರಿಸಿ ವಿಳಾಸ ಬರೆದು ಕಳಿಸಬೇಕು, ಕೋಶ ಸೀಳುವಾಗ ಅದೂ ಲೆಕ್ಕಕ್ಕೆ ಸರಿಯಾಗಿ ಸೀಳಬೇಕು, ಬೀಜದೊಳಗೂ ಸೇರಬೇಕು. ಶೇಂಗಾ ಗಿಡಕ್ಕೂ ಅದರ ಬ್ಯಾಕ್ಟೀರಿಯಾಕ್ಕೂ ಕೋಟ್ಯಂತರ ವರ್ಷಗಳ ಒಡನಾಟವಿದ್ದರೂ ಆ ಕೊನೆಯ ಕೆಲಸ ಅವುಗಳಿಂದ ಇನ್ನೂ ಆಗಿಲ್ಲ.