ಟ್ರೇಯ ತಳ ಕಾಣಬೇಕು

ಶರತ್ಕಾಲ ಬಂತೆಂದರೆ ನನ್ನ ಅಡುಗೆ ತರಗತಿಯವರು ಒಂದೇ ಬಗೆಯ ಫೋಟೋ ತೋರಿಸುತ್ತಾರೆ. ಓವನ್‌ನಿಂದ ಆಗಷ್ಟೇ ಹೊರಬಂದ ಟ್ರೇ. ಅಂಚಿನಿಂದ ಅಂಚಿಗೆ ಕುಂಬಳದ ಹೋಳುಗಳು, ಕೆಲವು ಕಡೆ ಒಂದರ ಮೇಲೊಂದು. ಅಡಿಯಲ್ಲಿ ನೀರು ನಿಂತಿದೆ. ಮೇಲೆ ಕರಕಲಾದ ಅಕ್ರೋಟು. ಕೇಳುವ ಪ್ರಶ್ನೆಯೂ ಒಂದೇ: "ಸಪ್ಪೆಯಾಗಿದೆ, ಇನ್ನೆಷ್ಟು ಸಕ್ಕರೆ ಹಾಕಬೇಕಿತ್ತು?"

ನಾನು ಸಕ್ಕರೆಯ ಮಾತೇ ಎತ್ತುವುದಿಲ್ಲ. ಹೋಳುಗಳ ನಡುವೆ ಟ್ರೇಯ ತಳ ಕಾಣುತ್ತಿತ್ತಾ ಅಂತ ಕೇಳುತ್ತೇನೆ. ಕಾಣುತ್ತಿರಲಿಲ್ಲ. ಫೋಟೋದಲ್ಲೇ ಗೊತ್ತಾಗುತ್ತದಲ್ಲ.

ಈ ಮಾತನ್ನು ಪ್ರತಿ ಬ್ಯಾಚಿಗೂ ಹೇಳುತ್ತೇನೆ. ಎಲ್ಲರೂ ತಲೆಯಾಡಿಸುತ್ತಾರೆ. ಮನೆಗೆ ಹೋಗಿ ಮತ್ತೆ ಟ್ರೇ ತುಂಬಿಸುತ್ತಾರೆ. ಅದಕ್ಕೇ ಇವತ್ತು ಸಿಪ್ಪೆ ತೆಗೆಯುವುದು, ತಿರುಳು ಕೆರೆಯುವುದು, ಇದನ್ನೆಲ್ಲ ಬಿಟ್ಟುಬಿಡುತ್ತೇನೆ. ಅದು ನಿಮಗೆ ಬರುತ್ತದೆ. ಬಾರದೇ ಇರುವುದು ಜಾಗ ಬಿಡುವುದು. ಅದನ್ನು ಸ್ವಲ್ಪ ಜಾಸ್ತಿಯೇ ಬಿಡಿಸಿ ಹೇಳುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ.

ಹಸಿ ಬಟರ್‌ನಟ್ ಕುಂಬಳದ ತೂಕದಲ್ಲಿ ನೂರಕ್ಕೆ ಹೆಚ್ಚುಕಡಿಮೆ 86 ಭಾಗ ನೀರೇ ಇರುತ್ತದೆ. ಓವನ್ನಿನ ಗುಂಡಿಯನ್ನು 220 ಡಿಗ್ರಿಗೆ ತಿರುಗಿಸಿದರೂ ಹೋಳಿನ ಮೈ ಒದ್ದೆ ಇರುವಷ್ಟು ಹೊತ್ತು ಅದರ ಬಿಸಿ 100 ಡಿಗ್ರಿ ದಾಟುವುದಿಲ್ಲ. ಕೊಟ್ಟ ಶಾಖವೆಲ್ಲ ನೀರನ್ನು ಹಬೆ ಮಾಡುವುದಕ್ಕೇ ಖರ್ಚಾಗುತ್ತದೆ. ಆದರೆ ನಮಗೆ ಬೇಕಾದ ಆ ಕಂದು ಬಣ್ಣ, ಆ ಹುರಿದ ಘಮ ಜೋರಾಗಿ ಹುಟ್ಟುವುದು ಸುಮಾರು 140 ಡಿಗ್ರಿಯ ಮೇಲೆ. ಅಂದರೆ ಮೊದಲು ಮೈ ಒಣಗಬೇಕು. ಆಮೇಲೆಯೇ ಬಣ್ಣ.

ಒಂದು ಗೇಣು ಹಗ್ಗದ ಮೇಲೆ ಹತ್ತು ಒದ್ದೆ ಬಟ್ಟೆ ಒತ್ತೊತ್ತಾಗಿ ಹಾಕಿದರೆ ಒಣಗುತ್ತವಾ? ಇಲ್ಲ ಅಲ್ವಾ? ಒಂದರ ತೇವ ಇನ್ನೊಂದಕ್ಕೆ ತಾಗಿ ಎಲ್ಲವೂ ಮುಗ್ಗಲು ಹಿಡಿಯುತ್ತವೆ. ಟ್ರೇಯಲ್ಲಿ ಆಗುವುದೂ ಅದೇ. ಒಂದು ಹೋಳಿನ ಹಬೆ ಹೊರಗೆ ಹೋಗಲು ದಾರಿ ಇಲ್ಲದೆ ಪಕ್ಕದ ಹೋಳಿಗೆ ತಾಗುತ್ತದೆ. ನೀವು ಹುರಿಯುತ್ತಿದ್ದೇನೆ ಅಂದುಕೊಂಡಿರುತ್ತೀರಿ. ಅದು ಹಬೆಯಲ್ಲಿ ಬೇಯುತ್ತಿರುತ್ತದೆ. ಬೆಂದ ಕುಂಬಳ ಕೆಟ್ಟದ್ದಲ್ಲ, ಸೂಪಿಗೆ ಚೆನ್ನಾಗಿರುತ್ತದೆ. ಆದರೆ ಊಟದ ಪಕ್ಕಕ್ಕೆ ಸಿಹಿಯಾಗಿ, ಬಾದಾಮಿ ಹುರಿದಂಥ ಘಮದೊಂದಿಗೆ ಬೇಕೆಂದರೆ ಇದು ಅದಲ್ಲ.

ಬಾಯಿಮಾತಿಗೆ ಯಾರೂ ಒಪ್ಪದಿದ್ದಾಗ ಒಂದು ಸಲ ತರಗತಿಯಲ್ಲೇ ತೂಗಿ ತೋರಿಸಿದೆ. ಒಂದೇ ಕಾಯಿಯ ಹೋಳುಗಳನ್ನು ಕಲಸಿ ಎರಡು ಪಾಲು ಮಾಡಿದೆವು. ಒಂದೊಂದೂ ಒಂದು ಕಿಲೋ. ಒಂದು ಪಾಲು ಅಗಲವಾದ ಟ್ರೇಗೆ, ಇನ್ನೊಂದು ಅದರ ಅರ್ಧದಷ್ಟೂ ಇಲ್ಲದ ಪಾತ್ರೆಗೆ. ಅದೇ ಎಣ್ಣೆ, ಅದೇ ಉಪ್ಪು, ಅದೇ 40 ನಿಮಿಷ. ಸಕ್ಕರೆ ಎರಡಕ್ಕೂ ಇಲ್ಲ. ಹೊರತೆಗೆದು ತೂಗಿದಾಗ ಅಗಲದ ಟ್ರೇಯದ್ದು 650 ಗ್ರಾಂಗೆ ಇಳಿದಿತ್ತು. ಒತ್ತಾಗಿ ತುಂಬಿದ್ದು 850ರ ಆಸುಪಾಸಿನಲ್ಲೇ ಇತ್ತು. ಎರಡನ್ನೂ ಎಲ್ಲರ ಕೈಗೆ ಕೊಟ್ಟೆ. ಹಿಂದಿನ ಸಾಲಿನಲ್ಲಿ ಕೂತಿದ್ದ ಒಬ್ಬ ಹುಡುಗಿ ಮೊದಲನೆಯದನ್ನು ತಿಂದು, "ಇದಕ್ಕೆ ನೀವು ನಮಗೆ ಕಾಣದ ಹಾಗೆ ಜೇನು ಹಾಕಿದ್ದೀರಿ" ಅಂದಳು. ನಾನು ಹಾಕಿರಲಿಲ್ಲ. ಲೆಕ್ಕ ಹಾಕಿ ನೋಡಿ. ಕಾಯಿಯ ಸಕ್ಕರೆ ಎಲ್ಲಿಗೂ ಹೋಗಲಿಲ್ಲ, ನೀರಷ್ಟೇ ಹೋಯಿತು. ಒಂದು ಕಿಲೋದಲ್ಲಿ ಹರಡಿಕೊಂಡಿದ್ದ ಸಿಹಿ ಈಗ 650 ಗ್ರಾಂನಲ್ಲಿದೆ. ಪ್ರತಿ ತುತ್ತಿನಲ್ಲೂ ಸುಮಾರು ಒಂದೂವರೆ ಪಟ್ಟು. ಕಂದಿದ ಅಂಚಿನ ರುಚಿ ಅದರ ಮೇಲೆ ಬೇರೆ.

ಹಾಗಾದರೆ ಎಷ್ಟು ಜಾಗ? ಎರಡೂವರೆ ಸೆಂಟಿಮೀಟರಿನ ಹೋಳುಗಳಾದರೆ ನಡುವೆ ಒಂದು ಬೆರಳು ಹೋಗುವಷ್ಟು. 40 ಸೆಂಟಿಮೀಟರ್ ಉದ್ದ, 30 ಅಗಲದ ಟ್ರೇಯಲ್ಲಿ ಹೀಗೆ ಒಂದು ಕಿಲೋ ಆರಾಮಾಗಿ ಹಿಡಿಯುತ್ತದೆ. ಎರಡು ಕಿಲೋ ಇದ್ದರೆ ಎರಡು ಟ್ರೇ. "ಒಂದರಲ್ಲೇ ಹಾಕಿ ಇನ್ನೊಂದಿಷ್ಟು ಹೊತ್ತು ಬಿಟ್ಟರೆ ಆಗಲ್ವಾ?" ಎಂದು ಕೇಳುತ್ತೀರಿ, ಗೊತ್ತು. ಆಗುವುದಿಲ್ಲ. ನೀರು ಹೋಗುವಷ್ಟರಲ್ಲಿ ಹೋಳು ಕರಗಿ ಮುದ್ದೆಯಾಗಿರುತ್ತದೆ. ಎರಡು ಟ್ರೇ ಒಟ್ಟಿಗೆ ಇಟ್ಟಿದ್ದರೆ ಅರ್ಧ ಹೊತ್ತಿಗೆ ಮೇಲಿನದನ್ನು ಕೆಳಗೆ, ಕೆಳಗಿನದನ್ನು ಮೇಲೆ ಮಾಡಿ. ಬಾಗಿಲು ತೆಗೆದಾಗ ಮುಖಕ್ಕೆ ಹಬೆ ನುಗ್ಗುತ್ತದೆ, ಹುಷಾರು. ಆ ಹಬೆ ಹೊರಗೆ ಹೋದದ್ದೂ ಒಳ್ಳೆಯದೇ.

ಟ್ರೇ ಅಂಚು ಗಿಡ್ಡ ಇರಲಿ. ಎತ್ತರದ ಗೋಡೆಯ ಪಾತ್ರೆ ಹಬೆಯನ್ನು ಹಿಡಿದಿಟ್ಟುಕೊಳ್ಳುತ್ತದೆ. ಮೇಲೆ ಫಾಯಿಲ್ ಮುಚ್ಚುವುದಂತೂ ಬೇಡವೇ ಬೇಡ. ಒಂದು ಕಿಲೋಗೆ ಎರಡು ದೊಡ್ಡ ಚಮಚ ಎಣ್ಣೆ ಸಾಕು. ಉಪ್ಪನ್ನು ಓವನ್‌ಗೆ ಇಡುವ ಕ್ಷಣದಲ್ಲಿ ಹಾಕಿ. ಅರ್ಧ ಗಂಟೆ ಮೊದಲೇ ಹಾಕಿಟ್ಟರೆ ಹೋಳು ಬೆವರಿ ನೀರು ಬಿಟ್ಟುಕೊಳ್ಳುತ್ತದೆ. 220 ಡಿಗ್ರಿಯಲ್ಲಿ 35ರಿಂದ 40 ನಿಮಿಷ. ಫ್ಯಾನ್ ಇರುವ ಓವನ್ನಾದರೆ 200 ಸಾಕು. ಆದರೆ ಒಂದು ಓವನ್ನಿನಂತೆ ಇನ್ನೊಂದು ಇರುವುದಿಲ್ಲ, ಹಾಗಾಗಿ ನನ್ನ ನಿಮಿಷಗಳನ್ನು ತೀರಾ ನಂಬಬೇಡಿ. ಕಣ್ಣಿಂದ ನೋಡಿ. ಮೊದಲ 20 ನಿಮಿಷ ಹೋಳುಗಳನ್ನು ಮುಟ್ಟಲೇಬೇಡಿ. ಪದೇ ಪದೇ ಕೆದಕಿದರೆ ತಳಕ್ಕೆ ತಾಗಿದ ಮೈಗೆ ಕೆಂಪಾಗಲು ಸಮಯವೇ ಸಿಗುವುದಿಲ್ಲ. ಆಮೇಲೆ ಒಂದು ಸಲ ತಿರುವಿದರೆ ಸಾಕು.

ಇನ್ನು ಸಕ್ಕರೆಗೆ ಬರೋಣ. ಜೇನು ಅಥವಾ ಮೇಪಲ್ ಸಿರಪ್ ಹಾಕಬೇಡಿ ಅಂತ ನಾನು ಹೇಳುತ್ತಿಲ್ಲ. ಮೊದಲೇ ಹಾಕಬೇಡಿ ಅಂತ ಹೇಳುತ್ತಿದ್ದೇನೆ. ಮೊದಲೇ ಹಾಕಿದರೆ ಎರಡು ಕಡೆ ನಷ್ಟ. ಸಿಹಿ ಪಾಕ ಹೋಳಿನ ಒಳಗಿನ ನೀರನ್ನು ಹೊರಗೆಳೆಯುತ್ತದೆ, ಆಗ ಟ್ರೇ ಇನ್ನಷ್ಟು ಒದ್ದೆ. ಮತ್ತೆ, ಹೋಳಿನಿಂದ ಜಾರಿ ಬರಿ ತಳಕ್ಕೆ ಇಳಿದ ಪಾಕ ಕುಂಬಳ ಹದವಾಗುವ ಹೊತ್ತಿಗೆ ಸುಟ್ಟು ಕಹಿಯಾಗಿರುತ್ತದೆ. ಜೇನಿನಲ್ಲಿರುವ ಫ್ರಕ್ಟೋಸ್ ಮಾಮೂಲಿ ಸಕ್ಕರೆಗಿಂತ ಕಡಿಮೆ ಬಿಸಿಗೇ ಕಂದುತ್ತದೆ, ಆದ್ದರಿಂದ ಅದು ಇನ್ನೂ ಬೇಗ ಸುಡುತ್ತದೆ. ಅಂಚುಗಳು ಕೆಂಪಾದ ಮೇಲೆ, ಕೊನೆಯ ಐದಾರು ನಿಮಿಷ ಇರುವಾಗ ಕಿಲೋಗೆ ಒಂದು ದೊಡ್ಡ ಚಮಚ ಹಾಕಿ ಹೊರಳಿಸಿ. ಅಷ್ಟೇ ಸಾಕು, ಹೊಳಪು ಬರುತ್ತದೆ. ಕೆಳಗಿಳಿಸಿದ ಮೇಲೆ ನಾಲ್ಕು ಹನಿ ನಿಂಬೆರಸ ಹಿಂಡಿ. ಹುಳಿ ಸೋಕಿದರೆ ಸಿಹಿ ಎದ್ದು ಕಾಣುತ್ತದೆ.

ಕಾಯಿಯ ಬಗ್ಗೆ ಒಂದು ಮಾತು. ಈಗಷ್ಟೇ ಬಳ್ಳಿಯಿಂದ ಕೊಯ್ದ ಬಟರ್‌ನಟ್‌ನಲ್ಲಿ ಪಿಷ್ಟ ಜಾಸ್ತಿ, ಸಿಹಿ ಕಡಿಮೆ. ಕೊಯ್ದ ಮೇಲೆ ಇಟ್ಟಷ್ಟು ದಿನ ಆ ಪಿಷ್ಟ ನಿಧಾನವಾಗಿ ಸಕ್ಕರೆಯಾಗುತ್ತಾ ಹೋಗುತ್ತದೆ. ಕಬೋಚಾ ಎನ್ನುವ ಜಪಾನಿ ಕುಂಬಳ ಕೂಡ ಹಾಗೇ, ಒಂದು ತಿಂಗಳು ಕಾದರೆ ಬೇರೆಯದೇ ಕಾಯಿ. ಎಲ್ಲಿಡಬೇಕು? ಫ್ರಿಜ್‌ನಲ್ಲಿ ಅಲ್ಲ. 10 ಡಿಗ್ರಿಗಿಂತ ತಣ್ಣಗಾದರೆ ಇಡೀ ಕಾಯಿಗೆ ಚಳಿಯ ಪೆಟ್ಟು ಬಿದ್ದು ಬೇಗ ಕೊಳೆಯುತ್ತದೆ. 10ರಿಂದ 13 ಡಿಗ್ರಿಯ ಒಣ ಜಾಗ ಸಿಕ್ಕರೆ ಎರಡು ಮೂರು ತಿಂಗಳು ಗಟ್ಟಿಯಾಗಿರುತ್ತದೆ. ಏಕಾರ್ನ್ ಎನ್ನುವ ಸಣ್ಣ ಕುಂಬಳ ಮಾತ್ರ ಅಷ್ಟು ದಿನ ಕಾಯುವುದಿಲ್ಲ. ಇಟ್ಟರೆ ನಾರಾಗುತ್ತದೆ, ಅದನ್ನು ಬೇಗ ಬಳಸಿಬಿಡಿ. ಆರಿಸುವಾಗ ಸಿಪ್ಪೆಗೆ ಹೊಳಪಿಲ್ಲದ, ಕೈಗೆ ಭಾರ ಅನ್ನಿಸುವ ಬಟರ್‌ನಟ್ ಹಿಡಿಯಿರಿ. ಹೊಳೆಯುವ ಸಿಪ್ಪೆ ನೋಡಲು ಚಂದ, ಆದರೆ ಅದು ಇನ್ನೂ ಎಳೆಯದು.

ಹೋಳು ಮಾಡುವ ಮೊದಲು ಒಂದು ಚೂರನ್ನು ಹಸಿಯಾಗಿಯೇ ನಾಲಿಗೆಗೆ ಮುಟ್ಟಿಸಿ ನೋಡಿ. ಇದನ್ನು ನಾನು ಯಾರಿಗೂ ಬಿಡಲು ಹೇಳುವುದಿಲ್ಲ. ಕಹಿ ಅನ್ನಿಸಿದರೆ ಉಗಿದು, ಇಡೀ ಕಾಯಿ ಎಸೆಯಿರಿ. ಕುಕುರ್ಬಿಟಾಸಿನ್ ಎನ್ನುವ ಕಹಿ ವಿಷದಂಶ ಅದು. ಬೇಯಿಸಿದರೂ ಹೋಗುವುದಿಲ್ಲ, ಸಕ್ಕರೆ ಹಾಕಿದರೂ ಹೋಗುವುದಿಲ್ಲ. ವಾಂತಿ, ಭೇದಿ ಜೋರಾಗಿ ಹಿಡಿಯಬಹುದು. ಇದು ಅಪರೂಪ. ಆದರೆ ಮನೆಯ ಬೀಜ ಬಿತ್ತಿ ಬೆಳೆದ ಕಾಯಿಗಳಲ್ಲಿ, ಅಲಂಕಾರದ ಸೋರೆಗಳ ಜೊತೆ ಪರಾಗ ಬೆರೆತಿದ್ದರೆ, ಆಗುವುದುಂಟು.

ಈಗ ಬಾದಾಮಿ, ಅಕ್ರೋಟು, ಪೆಕಾನ್. ಇವನ್ನು ಹಸಿ ಕುಂಬಳದ ಜೊತೆಗೇ ಟ್ರೇಗೆ ಸುರಿಯುವುದು ನಾನು ನೋಡುವ ಎರಡನೆಯ ತಪ್ಪು. ಯೋಚನೆ ಮಾಡಿ. ಕುಂಬಳಕ್ಕೆ 220 ಡಿಗ್ರಿಯಲ್ಲಿ 40 ನಿಮಿಷ ಬೇಕು. ಅಕ್ರೋಟಿಗೆ 175 ಡಿಗ್ರಿಯಲ್ಲಿ ಎಂಟು ಹತ್ತು ನಿಮಿಷ ಸಾಕು. ಇಬ್ಬರನ್ನೂ ಒಂದೇ ಬಸ್ಸಿಗೆ ಹತ್ತಿಸಿದರೆ ಒಬ್ಬರು ಇಳಿಯುವ ನಿಲ್ದಾಣ ದಾಟಿಯೇ ಹೋಗುತ್ತದೆ. ಬೇರೆ ಹುರಿಯಿರಿ. ಇಡಿಯಾಗಿ ಹುರಿದು ಆಮೇಲೆ ಕತ್ತರಿಸಿ. ಮೊದಲೇ ಚೂರು ಮಾಡಿದರೆ ಪುಡಿಯೆಲ್ಲ ಸುಡುತ್ತದೆ. ಘಮ ಮೂಗಿಗೆ ಬಡಿದ ಕೂಡಲೇ ತೆಗೆದು ತಣ್ಣನೆಯ ತಟ್ಟೆಗೆ ಹಾಕಿ. ಬಿಸಿ ಟ್ರೇಯಲ್ಲೇ ಬಿಟ್ಟರೆ ಹೊರಗೂ ಹುರಿಯುತ್ತಲೇ ಇರುತ್ತದೆ. ಅಕ್ರೋಟನ್ನು ಬಿಸಿ ಇರುವಾಗ ಬಟ್ಟೆಯಲ್ಲಿ ಉಜ್ಜಿದರೆ ಕಹಿ ಸಿಪ್ಪೆ ಅರ್ಧ ಉದುರುತ್ತದೆ. ಮತ್ತೆ, ಹುರಿಯುವ ಮೊದಲೇ ಒಂದನ್ನು ತಿಂದು ನೋಡಿ. ಅಕ್ರೋಟಿನ ಎಣ್ಣೆ ಬೇಗ ಕಮಟುತ್ತದೆ. ಹಳೇ ಬಣ್ಣದ ಡಬ್ಬಿಯ ವಾಸನೆ ಬಂದರೆ ಹುರಿದು ಉಪಯೋಗವಿಲ್ಲ.

ಬೀಜಗಳನ್ನು ಬಡಿಸುವ ಹೊತ್ತಿಗೆ ಮೇಲೆ ಉದುರಿಸಿ, ಅರ್ಧ ಗಂಟೆ ಮೊದಲು ಬೇಡ. ಬಿಸಿ ಕುಂಬಳದ ಹಬೆಗೆ ಗರಿಗರಿ ಹೋಗಿ ಮೆತ್ತಗಾಗುತ್ತವೆ. ಇನ್ನೂ ಘಮ ಬೇಕು ಅನ್ನುವವರು 50 ಗ್ರಾಂ ಬೆಣ್ಣೆಯನ್ನು ಸಣ್ಣ ಉರಿಯಲ್ಲಿ ಕಾಯಿಸಿ. ನೊರೆ ಇಳಿದು, ತಳದ ಗಷ್ಟು ಹೊಂಬಣ್ಣಕ್ಕೆ ಬಂದಾಗ ಇಳಿಸಿ ಹೋಳುಗಳ ಮೇಲೆ ಹರಿಸಿ. ಬಾದಾಮಿ ಹಾಕದೆಯೂ ಬಾದಾಮಿಯ ನೆನಪು ತರುವ ವಾಸನೆ ಅದು.

ಇಲ್ಲಿ ಒಂದು ಗೊಂದಲವನ್ನು ತೆಗೆಯಬೇಕು. ನಟ್ಸ್ ಅಲರ್ಜಿ ಇರುವವರು ಬಟರ್‌ನಟ್ ತಿನ್ನಬಹುದಾ ಅಂತ ಬಹಳ ಜನ ಗಾಬರಿಯಿಂದ ಕೇಳುತ್ತಾರೆ. ಅದು ಹೆಸರಿನಲ್ಲಷ್ಟೇ ನಟ್. ಜಾತಿಯಿಂದ ಅದು ಕುಂಬಳವೇ, ಕುಕುರ್ಬಿಟಾ ಮೋಸ್ಕಾಟಾ. ತೊಂದರೆ ಇರುವುದು ನೀವು ಮೇಲೆ ಉದುರಿಸುವ ಅಕ್ರೋಟಿನಲ್ಲಿ. ಅತಿಥಿಗಳನ್ನು ಮೊದಲೇ ಕೇಳಿಬಿಡಿ, ಬೀಜಗಳನ್ನು ಪಕ್ಕದ ಬಟ್ಟಲಿನಲ್ಲಿಡಿ, ಚಮಚ ಬೇರೆ ಇರಲಿ. ಅಕ್ರೋಟಿನ ಬದಲು ಹುರಿದ ಕುಂಬಳಬೀಜ ಹಾಕುವವರೂ ಇದ್ದಾರೆ, ರುಚಿಗೆ ಚೆನ್ನಾಗಿಯೇ ಹೊಂದುತ್ತದೆ. ಆದರೆ ಕುಂಬಳಬೀಜದಂಥವೂ ಆಗದವರು ಇರುತ್ತಾರೆ, ಅದನ್ನೂ ಕೇಳಿಯೇ ಹಾಕಿ. ಅಲರ್ಜಿ ಜೋರಾಗಿದ್ದವರು ತಮ್ಮ ವೈದ್ಯರ ಮಾತು ಕೇಳಬೇಕು, ಅಡುಗೆಯವಳ ಮಾತಲ್ಲ.

ಟ್ರೇ ತುಂಬಿಸುವವರ ಮೇಲೆ ನನಗೆ ಸಿಟ್ಟು ಬರುತ್ತದೆ, ನಿಜ. ಆದರೆ ಯಾಕೆ ತುಂಬಿಸುತ್ತಾರೆ ಅಂತ ನೋಡಿದರೆ ಸಿಟ್ಟು ಉಳಿಯುವುದಿಲ್ಲ. ನನ್ನ ಹಳೆಯ ವಿದ್ಯಾರ್ಥಿಯೊಬ್ಬರಿದ್ದಾರೆ, ಎಪ್ಪತ್ತು ದಾಟಿದವರು. ಹೆಂಡತಿ ತೀರಿಕೊಂಡ ಮೇಲೆ ಅಡುಗೆ ಕಲಿಯಲು ಬಂದರು. ಮಕ್ಕಳು ಮೊಮ್ಮಕ್ಕಳು ಸೇರಿ ಹನ್ನೊಂದು ಜನ ಊಟಕ್ಕೆ ಬರುವವರಿದ್ದರು. ಮನೆಯಲ್ಲಿದ್ದದ್ದು ಒಂದೇ ಟ್ರೇ. ಯಾರಿಗೂ ಕಡಿಮೆ ಬೀಳಬಾರದು ಅಂತ ಮೂರು ಕಿಲೋ ಕುಂಬಳವನ್ನು ಅದರಲ್ಲೇ ಒತ್ತಿ ತುಂಬಿದರು. ಯಾರೂ ಎರಡನೇ ಸಲ ಹಾಕಿಸಿಕೊಳ್ಳಲಿಲ್ಲವಂತೆ. ಅದನ್ನು ಹೇಳುವಾಗ ಅವರ ಮುಖ ನೋಡಲಾಗಲಿಲ್ಲ ನನಗೆ.

ಮುಂದಿನ ಸಲಕ್ಕೆ ಇಬ್ಬರೂ ಕೂತು ಯೋಜನೆ ಹಾಕಿದೆವು. ಒಂದೇ ಟ್ರೇಯಾದರೂ ಪರವಾಗಿಲ್ಲ, ಕಿಲೋ ಕಿಲೋ ಮಾಡಿ ಮೂರು ಸಲ ಹುರಿಯುವುದು. ಹಿಂದಿನ ದಿನವೇ ಎರಡು ಕಂತು ಮುಗಿಸಿ, ಪೂರ್ತಿ ಆರಿಸಿ, ಮುಚ್ಚಿ ಫ್ರಿಜ್‌ನಲ್ಲಿಡುವುದು. ಹುರಿದ ಮೇಲೆ ಫ್ರಿಜ್ ಸರಿ, ಹಸಿ ಕಾಯಿಗೆ ಮಾತ್ರ ಬೇಡ. ಊಟದ ದಿನ ಮೂರನೆಯ ಕಂತು ಹುರಿದಾದ ಮೇಲೆ ಖಾಲಿ ಟ್ರೇಯನ್ನು ಓವನ್ನಿನಲ್ಲೇ ಕಾಯಿಸಿ, ಹಳೆಯ ಹೋಳುಗಳನ್ನು ಹರಡಿ 220ರಲ್ಲಿ ಎಂಟು ಹತ್ತು ನಿಮಿಷ. ನೀರು ಆಗಲೇ ಹೋಗಿರುವುದರಿಂದ ಈ ಸಲ ಸ್ವಲ್ಪ ಒತ್ತಾಗಿ ಹರಡಿದರೂ ನಡೆಯುತ್ತದೆ, ಆದರೆ ಒಂದರ ಮೇಲೊಂದು ಬೇಡ. ಮೈಕ್ರೋವೇವ್‌ನಲ್ಲಿ ಬಿಸಿ ಮಾಡಿದರೆ ಅಂಚಿನ ಗರಿ ಮೆತ್ತಗಾಗಿ ಎಲ್ಲ ಶ್ರಮ ನೀರುಪಾಲು, ಅದನ್ನು ಅವರಿಗೆ ಎರಡು ಸಲ ಹೇಳಿದೆ.

ಆ ಊಟದ ಮರುದಿನ ಅವರು ಕಳಿಸಿದ ಫೋಟೋದಲ್ಲಿ ಹೋಳುಗಳ ನಡುವೆ ಟ್ರೇಯ ತಳ ಕಾಣುತ್ತಿತ್ತು. ಪಕ್ಕದಲ್ಲೇ ಒಂದು ಸಣ್ಣ ಬಟ್ಟಲು, ಅದರಲ್ಲಿ ಹುರಿದ ಅಕ್ರೋಟು, ಅದಕ್ಕೊಂದು ಬೇರೆ ಚಮಚ.