ಮುಖ ಒಂದೇ, ಹೆಬ್ಬೆಟ್ಟು ಎರಡು

ಧಾರಾವಾಹಿಯಲ್ಲಿ ಅಕ್ಕ ಸತ್ತಿದ್ದಾಳೆ. ಅವಳಿ ತಂಗಿ ಅಕ್ಕನ ಸೀರೆ ಉಟ್ಟು, ಅಕ್ಕನ ಹೆಸರು ಹೇಳಿಕೊಂಡು ಅಕ್ಕನ ಮನೆ ಸೇರಿದ್ದಾಳೆ. ಗಂಡನಿಗೂ ಸಂಶಯ ಬಂದಿಲ್ಲ. ಇನ್ಸ್‌ಪೆಕ್ಟರಿಗೆ ಮಾತ್ರ ಬಂದಿದೆ. ಅವರು ಬಾಚಣಿಗೆಯಲ್ಲಿ ಸಿಕ್ಕ ಕೂದಲನ್ನು ಡಿಎನ್‌ಎ ಪರೀಕ್ಷೆಗೆ ಕಳಿಸುತ್ತಾರೆ. ಜಾಹೀರಾತು ಮುಗಿಯುವಷ್ಟರಲ್ಲಿ ವರದಿ ಬರುತ್ತದೆ: ಇವಳು ಅವಳಲ್ಲ.

ಅವತ್ತು ಸೊಸೆ ನನ್ನ ಕಡೆ ತಿರುಗಿ, "ಮಾವಾರ, ಖರೇನ ಹಿಂಗ ಗೊತ್ತಾಗ್ತದೇನ್ರಿ?" ಅಂತ ಕೇಳಿದಳು. ನಾನು ಪೊಲೀಸ್ ಇಲಾಖೆಯ ಬೆರಳಚ್ಚು ಘಟಕದಲ್ಲಿದ್ದು ನಿವೃತ್ತನಾದವನು. ಕಲಬುರಗಿಯಲ್ಲೇ ಜಾಸ್ತಿ ವರ್ಷ, ನಡುವೆ ಸ್ವಲ್ಪ ಕಾಲ ಬೀದರ್. "ಇಲ್ಲವ್ವಾ, ಡಿಎನ್‌ಎದಾಗ ಗೊತ್ತಾಗಂಗಿಲ್ಲ. ಬೆರಳಿನಾಗ ಗೊತ್ತಾಗ್ತದ" ಅಂದೆ. ಅವಳಿಗೆ ನಂಬಿಕೆಯಾಗಲಿಲ್ಲ. ಬಹಳ ಜನರಿಗೆ ಆಗುವುದಿಲ್ಲ. ಕೋರ್ಟಿನಲ್ಲಿ ವಕೀಲರೂ ನನಗೆ ಇದನ್ನೇ ಕೇಳಿದ್ದಾರೆ. ಅವಳಿ-ಜವಳಿ ಅಂದಮೇಲೆ ಬೆರಳಚ್ಚೂ ಒಂದೇ ಅಲ್ವಾ?

ಅಲ್ಲ.

ಥೇಟ್ ಒಂದೇ ಥರ ಇರುವ ಅವಳಿಗಳು ಒಂದೇ ಭ್ರೂಣ ಎರಡಾಗಿ ಬೆಳೆದವರು. ಹಾಗಾಗಿ ಇಬ್ಬರ ಡಿಎನ್‌ಎ ಒಂದೇ. ಲ್ಯಾಬಿನವರು ಮಾಮೂಲಿಯಾಗಿ ಡಿಎನ್‌ಎಯ ಇಪ್ಪತ್ತರಷ್ಟು ಜಾಗಗಳನ್ನು ನೋಡುತ್ತಾರೆ. ಬೇರೆ ಬೇರೆ ಜನರನ್ನು ಗುರುತಿಸಲು ಅಷ್ಟು ಸಾಕು. ಅವಳಿಗಳಲ್ಲಿ ಮಾತ್ರ ಅಷ್ಟೂ ಜಾಗ ಒಂದೇ ಬರುತ್ತವೆ. 2009ರಲ್ಲಿ ಬರ್ಲಿನ್ನಿನ ಒಂದು ದೊಡ್ಡ ಮಳಿಗೆಯಲ್ಲಿ ಒಡವೆ ಕಳವಾಯಿತು. ಕಳ್ಳರು ಬಿಟ್ಟುಹೋದ ಕೈಗವಸಿನಲ್ಲಿ ಬೆವರಿನ ಗುರುತು ಸಿಕ್ಕಿತು. ಡಿಎನ್‌ಎ ಹಿಡಿದುಕೊಂಡು ಹೋದರೆ ಸಿಕ್ಕವರು ಅವಳಿ ಅಣ್ಣ-ತಮ್ಮ. ಇಬ್ಬರಲ್ಲಿ ಒಬ್ಬನದು ಅನ್ನುವುದು ಖಾತ್ರಿ. ಯಾರದು ಅನ್ನುವುದು ಗೊತ್ತಾಗಲಿಲ್ಲ. ಇಬ್ಬರನ್ನೂ ಬಿಡಬೇಕಾಯಿತು. ಅದೇ ವರ್ಷ ಮಲೇಷ್ಯಾದಲ್ಲಿ ಮಾದಕ ವಸ್ತು ಸಾಗಣೆಯ ಪ್ರಕರಣ ತೀರ್ಮಾನಕ್ಕೆ ಬಂತು. ತಪ್ಪು ಸಾಬೀತಾದರೆ ಗಲ್ಲು. ಅಲ್ಲೂ ಅವಳಿ ಸೋದರರೇ. ಮೊದಲು ಹಿಡಿದದ್ದು ಯಾರನ್ನು ಅಂತ ನಿಖರವಾಗಿ ಹೇಳಲು ಆಗದೆ ಇಬ್ಬರೂ ಬಿಡುಗಡೆಯಾದರು.

ಈಗ ಡಿಎನ್‌ಎಯನ್ನು ಪೂರ್ತಿ ಬಿಡಿಸಿ ಓದುವ ಪರೀಕ್ಷೆ ಬಂದಿದೆ. ಐಸ್‌ಲ್ಯಾಂಡಿನ ವಿಜ್ಞಾನಿಗಳು 2021ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಬೆಳವಣಿಗೆಯ ಮೊದಮೊದಲ ಹಂತದಲ್ಲೇ ಆಗುವ ಬದಲಾವಣೆಗಳಲ್ಲಿ ಅವಳಿಗಳ ನಡುವೆ ಸರಾಸರಿ 5.2 ವ್ಯತ್ಯಾಸಗಳು ಇರುತ್ತವೆ. ಮುನ್ನೂರು ಕೋಟಿ ಅಕ್ಷರಗಳಲ್ಲಿ ಐದು ಅಕ್ಷರ ಹುಡುಕಬೇಕು! ಅದು ದಿನನಿತ್ಯದ ಲ್ಯಾಬಿನ ಕೆಲಸವಲ್ಲ. ಜಾಹೀರಾತಿನ ನಡುವೆ ಆಗುವ ಕೆಲಸವಂತೂ ಅಲ್ಲವೇ ಅಲ್ಲ.

ಬೆರಳಿನ ಲೆಕ್ಕ ಬೇರೆ. ಬಸಿರಿನ ಹತ್ತನೇ ವಾರದ ಹೊತ್ತಿಗೆ ಮಗುವಿನ ಬೆರಳ ತುದಿಯಲ್ಲಿ ಗೆರೆ ಮೂಡಲು ಶುರುವಾಗುತ್ತವೆ. ಐದನೇ ತಿಂಗಳ ಹೊತ್ತಿಗೆ ಅವು ನಿಂತುಬಿಡುತ್ತವೆ. ಆಮೇಲೆ ಸಾಯುವ ತನಕ ಅದೇ. ಆ ಎರಡೂವರೆ ತಿಂಗಳಲ್ಲಿ ಮಗು ಯಾವ ಮಗ್ಗುಲಿಗೆ ಇತ್ತು, ಬೆರಳು ಎಲ್ಲಿ ಒತ್ತಿಕೊಂಡಿತ್ತು, ನೀರಿನ ಒತ್ತಡ ಎಷ್ಟಿತ್ತು, ಇವೆಲ್ಲ ಗೆರೆಗಳ ಮೇಲೆ ಕೆಲಸ ಮಾಡುತ್ತವೆ. ಇಬ್ಬರಿಗೂ ತಾಯಿ ಹೊಟ್ಟೆ ಒಂದೇ. ಆದರೆ ಇಬ್ಬರೂ ಮಲಗಿದ ಜಾಗ ಬೇರೆ. ಅಷ್ಟು ಸಾಕು.

ಹಾಗಂತ ಅವಳಿಗಳ ಬೆರಳಿನಲ್ಲಿ ಹೋಲಿಕೆಯೇ ಇರುವುದಿಲ್ಲ ಅಂತಲ್ಲ. ನಮ್ಮ ಕಡೆ ಹೆಣ್ಣುಮಕ್ಕಳು ಕೂಸಿನ ಬೆರಳು ತಿರುಗಿಸಿ ಶಂಖ ಎಷ್ಟು, ಚಕ್ರ ಎಷ್ಟು ಅಂತ ಎಣಿಸುತ್ತಾರಲ್ಲ, ನಾವು ಮೊದಲು ನೋಡುವುದೂ ಅದನ್ನೇ. ಕೋಲ್ಕತ್ತದಲ್ಲಿ 1897ರಲ್ಲಿ ಬೆರಳಚ್ಚು ಬ್ಯೂರೊ ಶುರುವಾದಾಗ ಅಜೀಜುಲ್ ಹಕ್ ಮತ್ತು ಹೇಮಚಂದ್ರ ಬೋಸ್ ಅನ್ನುವ ಇಬ್ಬರು ಭಾರತೀಯ ಅಧಿಕಾರಿಗಳು ಕೂತು ಲೆಕ್ಕ ಹಾಕಿದ ವಿಂಗಡಣೆಗೂ ಬುನಾದಿ ಇದೇ. ಹೆಸರು ಮಾತ್ರ ಅವರ ಸಾಹೇಬರಾದ ಹೆನ್ರಿಯವರಿಗೆ ಹೋಯಿತು. ನನಗೆ ಇವತ್ತಿಗೂ ಅದರ ಬಗ್ಗೆ ಬೇಸರವಿದೆ. ಅಣ್ಣನ ಹೆಬ್ಬೆರಳಲ್ಲಿ ಚಕ್ರವಿದ್ದರೆ ಅವಳಿ ತಮ್ಮನಿಗೂ ಚಕ್ರವೇ ಇರುವ ಸಾಧ್ಯತೆ ಜಾಸ್ತಿ. ಬರಿಗಣ್ಣಿಗೆ ಎರಡೂ ಒಂದೇ ಅನ್ನಿಸುತ್ತದೆ. ಭೂತಗನ್ನಡಿ ಇಟ್ಟು ಒಂದೊಂದೇ ಗೆರೆ ಹಿಡಿದು ಹೋದರೆ ಆಟ ತಿಳಿಯುತ್ತದೆ. ಗೆರೆ ಎಲ್ಲಿ ಕವಲೊಡೆಯಿತು, ಎಲ್ಲಿ ನಿಂತಿತು, ಎಲ್ಲಿ ಒಂದು ಚುಕ್ಕೆ ಒಂಟಿಯಾಗಿ ಕೂತಿದೆ. ಅಲ್ಲಿ ಇಬ್ಬರೂ ಬೇರೆ ಬೇರೆ.

ಇಲ್ಲಿಯ ತನಕ ಹೇಳಿದ್ದು ಸುಲಭದ ಮಾತು. ಧಾರಾವಾಹಿಯವರು ಯೋಚಿಸದ ಮಾತು ಇನ್ನೊಂದಿದೆ. ಬೆರಳಚ್ಚು ಹೆಸರು ಹೇಳುವುದಿಲ್ಲ. ಈ ಗುರುತು ಇಟ್ಟ ಬೆರಳೂ ಆ ಗುರುತು ಇಟ್ಟ ಬೆರಳೂ ಒಂದೇ ಅಂತ ಮಾತ್ರ ಹೇಳುತ್ತದೆ. ಆ ತಂಗಿ ಅಕ್ಕನಾಗಿ ನಟಿಸುತ್ತಿದ್ದಾಳೆ ಅಂತ ಹೇಳಬೇಕಾದರೆ, ಅಕ್ಕ ಅಕ್ಕನಾಗಿಯೇ ಇದ್ದ ಕಾಲದ ಒಂದು ಬೆರಳಚ್ಚು ನನ್ನ ಮೇಜಿನ ಮೇಲೆ ಇರಬೇಕು. ನಾವು ಅದಕ್ಕೆ ಒಪ್ಪಿತ ಗುರುತು ಅನ್ನುತ್ತೇವೆ. ಅದು ಇಲ್ಲದಿದ್ದರೆ ನಾನು ಎಷ್ಟು ಭೂತಗನ್ನಡಿ ಹಿಡಿದರೂ ಉಪಯೋಗವಿಲ್ಲ. ಆಧಾರ್ ತೆಗೆಸಿ ನೋಡಿದರಾಯಿತಲ್ಲ ಅಂತ ಹೊಸ ಹುಡುಗರು ಹೇಳುತ್ತಾರೆ. ಆಗುವುದಿಲ್ಲ. 2016ರ ಆಧಾರ್ ಕಾಯ್ದೆಯ 29ನೇ ಕಲಮಿನ ಪ್ರಕಾರ ಅಲ್ಲಿರುವ ಬೆರಳು, ಕಣ್ಣಿನ ಗುರುತುಗಳನ್ನು ಯಾವ ಕಾರಣಕ್ಕೂ ಯಾರಿಗೂ ಕೊಡುವ ಹಾಗಿಲ್ಲ. ಪೊಲೀಸರ ಹತ್ತಿರ ಇರುವುದು ಬಂಧಿತರ, ಅಪರಾಧಿಗಳ ಬೆರಳಚ್ಚು. 2022ರಿಂದ ಅವು ದೇಶಕ್ಕೆಲ್ಲ ಒಂದೇ ಕಂಪ್ಯೂಟರ್ ವ್ಯವಸ್ಥೆಯಲ್ಲಿ ಸೇರುತ್ತಿವೆ. ಯಾವ ತಂಟೆಗೂ ಹೋಗದ ಮನುಷ್ಯನ ಗುರುತು ಅದರಲ್ಲಿ ಇರುವುದಿಲ್ಲ.

ಹಾಗಾದರೆ ಅಂಥವರ ಒಪ್ಪಿತ ಗುರುತು ಎಲ್ಲಿ ಸಿಗುತ್ತದೆ? ನನಗೆ ಸಿಕ್ಕಿದ್ದು ಒಂದು ಸೊಸೈಟಿಯ ಹಳೇ ಕಪಾಟಿನಲ್ಲಿ.

ಆಗಿನ್ನೂ ನಮ್ಮೂರು ಗುಲಬರ್ಗಾ. ಆಧಾರ್ ಬಂದಿರಲಿಲ್ಲ. ಶಹಾಬಾದ್ ಕಡೆಯ ಒಂದು ಹಳ್ಳಿಯಲ್ಲಿ ಅವಳಿ ಅಣ್ಣ-ತಮ್ಮ. ಇಬ್ಬರೂ ಫರಸಿ ಕಲ್ಲಿನ ಖಣಿಯಲ್ಲಿ ದುಡಿದವರು. ಓದು ಬರಹ ಇಲ್ಲ. ತಮ್ಮ ದುಡಿಯಲು ಮುಂಬೈಗೆ ಹೊರಟ. ಅವನ ವೋಟರ್ ಕಾರ್ಡ್ ಮಳೆಗೆ ನೆಂದು ಹಾಳಾಗಿತ್ತು. ಅಣ್ಣನದು ತೆಗೆದುಕೊಂಡು ಹೋದ. ಫೋಟೊದಲ್ಲಿ ಇರುವುದು ಅದೇ ಮುಖ, ಯಾರು ಕೇಳುತ್ತಾರೆ? ಅಲ್ಲಿ ಮುಕಾದಮ ಆ ಕಾರ್ಡಿನ ಹೆಸರನ್ನೇ ಬರೆದುಕೊಂಡ. ಎರಡನೇ ವರ್ಷ ಕಟ್ಟಡದ ಮೇಲಿಂದ ಬಿದ್ದು ತಮ್ಮ ತೀರಿಕೊಂಡ. ಮರಣ ಪತ್ರದಲ್ಲಿ ಅಣ್ಣನ ಹೆಸರು ಬಂತು.

ಧಾರಾವಾಹಿಯಲ್ಲಿ ಅದಲು ಬದಲು ಆಗುವುದು ಆಸ್ತಿಗೆ, ಸೇಡಿಗೆ. ಇಲ್ಲಿ ಆಗಿದ್ದು ಒಂದು ನೆಂದ ಕಾರ್ಡಿನಿಂದ.

ಊರಿನಲ್ಲಿ ಎಲ್ಲರಿಗೂ ಸತ್ತವನು ಯಾರು ಅಂತ ಗೊತ್ತು. ಮಣ್ಣು ಮಾಡಿದವರೂ ಅವರೇ. ಆದರೆ ಕಾಗದ ಊರಿನ ಮಾತು ಕೇಳಲಿಲ್ಲ. ರೇಷನ್ ಕಾರ್ಡಿನಿಂದ ಅಣ್ಣನ ಹೆಸರು ಹೋಯಿತು. ಪಹಣಿಯಲ್ಲಿ ಅವನ ಹೆಸರು ಕಳೆದು ವಾರಸುದಾರರ ಹೆಸರು ಕೂತಿತು. ಅವನ ಹೆಂಡತಿ ಕುಂಕುಮ ಇಟ್ಟುಕೊಂಡು ಓಡಾಡುತ್ತಿದ್ದರೂ ಕಾಗದದಲ್ಲಿ ವಿಧವೆ. ಪಕ್ಕದ ಮನೆಯಲ್ಲಿ ನೆಗೆಣ್ಣಿ ಕುಂಕುಮ ಅಳಿಸಿಕೊಂಡಿದ್ದಳು. ಕಾಗದದಲ್ಲಿ ಅವಳ ಗಂಡ ಬದುಕಿದ್ದ. ಹಾಗಾಗಿ ವಿಧವಾ ವೇತನವಿಲ್ಲ. ಒಂದು ಕಚೇರಿಯಲ್ಲಿ ಅಣ್ಣನಿಗೆ, ಜೀವಂತ ಇದ್ದೀಯ ಅಂತ ಕೋರ್ಟಿನಿಂದ ಬರೆಸಿಕೊಂಡು ಬಾ ಅಂದರಂತೆ. ಅವನು ದಾವೆ ಹಾಕಿದ. ಕೋರ್ಟು ಕಾಗದಗಳನ್ನು ನಮಗೆ ಕಳಿಸಿತು.

ಅವನ ವಕೀಲರು ಬುದ್ಧಿವಂತರು. ಸೊಸೈಟಿಯಿಂದ ಎರಡು ಸಾಲದ ಬಾಂಡ್ ತರಿಸಿದ್ದರು. 1991ರಲ್ಲಿ ಅಣ್ಣ-ತಮ್ಮ ಒಂದೇ ದಿನ ಹೋಗಿ ಸಾಲ ತೆಗೆದಿದ್ದರು. ಎರಡರಲ್ಲೂ ಎಡಗೈ ಹೆಬ್ಬೆಟ್ಟು.

ಬದುಕಿದ್ದವನ ಬೆರಳಚ್ಚು ತೆಗೆದುಕೊಳ್ಳಲು ಕೂರಿಸಿದೆ. ಗಾಜಿನ ಹಲಗೆಯ ಮೇಲೆ ಮಸಿ ಸವರಿ, ಹೆಬ್ಬೆರಳನ್ನು ಉಗುರಿನ ಈ ಅಂಚಿನಿಂದ ಆ ಅಂಚಿಗೆ ಉರುಳಿಸಿ ಕಾಗದದ ಮೇಲೆ ಒತ್ತಿಸಿದೆ. ಬಂದಿದ್ದು ಒಂದು ಕರೀ ಕಲೆ. ಒಳಗೆ ಗೆರೆಯೇ ಇಲ್ಲ. ಖಣಿಯಲ್ಲಿ ಇಪ್ಪತ್ತು ವರ್ಷ ಫರಸಿ ಎತ್ತಿದ ಕೈ. ಅದು ಸುಣ್ಣದ ಕಲ್ಲು, ಪುಡಿ ಚರ್ಮವನ್ನು ಒಣಗಿಸುತ್ತದೆ, ಅಂಚು ತಿಕ್ಕಿ ಸವೆಸುತ್ತದೆ. ನಮ್ಮ ಭಾಗದಲ್ಲಿ ಇಂಥ ಕೈಗಳನ್ನು ನಾನು ಲೆಕ್ಕವಿಲ್ಲದಷ್ಟು ನೋಡಿದ್ದೇನೆ. ಈಗ ರೇಷನ್ ಅಂಗಡಿಯ ಯಂತ್ರ ಅವರ ಬೆರಳನ್ನು ಹಿಡಿಯುವುದಿಲ್ಲ ಅಂತ ಕೇಳಿದಾಗ ನನಗೆ ಆಶ್ಚರ್ಯವಾಗುವುದಿಲ್ಲ, ಸಂಕಟವಾಗುತ್ತದೆ.

ಆದರೆ ಸವೆಯುವುದು ಮೇಲಿನ ಚರ್ಮ. ಗೆರೆಯ ಬೇರು ಕೆಳಗಿನ ಪದರದಲ್ಲಿದೆ. ಕೈಗೆ ವಿಶ್ರಾಂತಿ ಕೊಟ್ಟರೆ ಅದೇ ಗೆರೆ ಮತ್ತೆ ಮೇಲೆ ಬರುತ್ತದೆ. ನಾಲ್ಕು ವಾರ ಕಲ್ಲು ಮುಟ್ಟಬೇಡ, ರಾತ್ರಿ ಕೊಬ್ಬರಿ ಎಣ್ಣೆ ಹಚ್ಚು ಅಂದೆ. "ನಾಕು ವಾರ ಹೊಟ್ಟಿಗಿ ಏನ್ ತಿನ್ಲಿ ಸಾಹೇಬ್ರ?" ಅಂದ. ನನ್ನ ಹತ್ತಿರ ಉತ್ತರವಿರಲಿಲ್ಲ. ತೊಗರಿ ರಾಶಿಯ ಕಾಲ ಅದು. ಅವನ ಹೆಂಡತಿಯೂ ತಮ್ಮನ ಹೆಂಡತಿಯೂ ಕೂಲಿಗೆ ಹೋಗಿ ಎರಡೂ ಮನೆ ನಡೆಸಿದರು ಅಂತ ಆಮೇಲೆ ತಿಳಿಯಿತು.

ನಾಲ್ಕು ವಾರ ಬಿಟ್ಟು ಬಂದ. ಈ ಸಲ ಗೆರೆ ಬಂದವು. ಅಲ್ಲಲ್ಲಿ ಗಾಯದ ಬಿಳಿ ಪಟ್ಟೆ, ನಡುವೆ ಮಾತ್ರ ಚೊಕ್ಕ ಚಕ್ರ. ಎರಡೂ ಬಾಂಡಿನಲ್ಲೂ ಚಕ್ರವೇ. ನಡುವಿನ ಸುಳಿಯಿಂದ ಎಡಕ್ಕೆ ಎಣಿಸುತ್ತಾ ಹೋದೆ. ಇವನ ಬೆರಳಿನಲ್ಲಿ ನಾಲ್ಕನೇ ಗೆರೆ ಕವಲೊಡೆದು, ಕೆಳಗಿನ ಕವಲು ಸ್ವಲ್ಪ ದೂರ ಹೋಗಿ ನಿಂತುಬಿಟ್ಟಿತ್ತು. ಅದರ ಪಕ್ಕ ಎಳ್ಳಿನ ಕಾಳಿನಷ್ಟು ಒಂದು ತುಂಡು ಗೆರೆ. ಅಣ್ಣನ ಹೆಸರಿನ ಬಾಂಡ್ ನೋಡಿದೆ. ನಾಲ್ಕನೇ ಗೆರೆ, ಕವಲು, ಎಳ್ಳುಕಾಳು. ತಮ್ಮನ ಹೆಸರಿನ ಬಾಂಡಿನಲ್ಲಿ ಅದೇ ಜಾಗದಲ್ಲಿ ಗೆರೆಗಳು ಎಲ್ಲೂ ಒಡೆಯದೆ ಹರಿದುಹೋಗಿದ್ದವು. ಇಡೀ ದಿನ ಕೂತು ಉಳಿದ ಅಂಶಗಳನ್ನೂ ಗುರುತು ಹಾಕಿದೆ. ನನ್ನ ಸಹೋದ್ಯೋಗಿಗೆ ನನ್ನ ತೀರ್ಮಾನ ಹೇಳದೆ ಬೇರೆಯಾಗಿ ನೋಡಲು ಕೊಟ್ಟೆ. ಇದನ್ನು ಮಾಡಲೇಬೇಕು. 2004ರಲ್ಲಿ ಮ್ಯಾಡ್ರಿಡ್ ರೈಲು ಸ್ಫೋಟದ ತನಿಖೆಯಲ್ಲಿ ಅಮೆರಿಕದ ಎಫ್‌ಬಿಐ ತಜ್ಞರೇ ತಪ್ಪು ಬೆರಳನ್ನು ಸರಿ ಅಂದು, ಸಂಬಂಧವೇ ಇಲ್ಲದ ಒಬ್ಬ ವಕೀಲರನ್ನು ಹಿಡಿದು, ಆಮೇಲೆ ಕ್ಷಮೆ ಕೇಳಿದರು. ತಜ್ಞನ ಮಾತು ಕಾನೂನಿನಲ್ಲಿ ಒಂದು ಅಭಿಪ್ರಾಯ ಅಷ್ಟೇ. ಹಳೆಯ ಸಾಕ್ಷ್ಯ ಕಾಯ್ದೆಯ 45ನೇ ಕಲಮಿನಲ್ಲೂ, ಈಗಿನ ಭಾರತೀಯ ಸಾಕ್ಷ್ಯ ಅಧಿನಿಯಮದ 39ನೇ ಕಲಮಿನಲ್ಲೂ ಅದು ಹಾಗೇ ಇದೆ. ಹಾಗೇ ಇರಬೇಕು.

ಸಾಕ್ಷಿ ಹೇಳುವ ದಿನ ಎದುರು ವಕೀಲರು ನನ್ನನ್ನು ಒಂದು ಒಳ್ಳೆಯ ಪ್ರಶ್ನೆ ಕೇಳಿದರು. "1991ರಲ್ಲೇ ಇವರು ಹೆಸರು ಅದಲು ಬದಲು ಮಾಡಿಕೊಂಡು ಹೆಬ್ಬೆಟ್ಟು ಒತ್ತಿರಬಹುದಲ್ಲ?" ಇರಬಹುದು ಅಂದೆ. ಅದನ್ನು ಬೆರಳು ಹೇಳುವುದಿಲ್ಲ. ಅದಕ್ಕೆ ಉತ್ತರ ಕೊಟ್ಟಿದ್ದು ಅವರ ತಾಯಿ. ಕಟಕಟೆ ಹಿಡಿದು ನಿಂತು, ದೊಡ್ಡವನು ಕೂಸಾಗಿದ್ದಾಗ ಒಲೆಯ ಕೆಂಡ ಬಿದ್ದು ಅವನ ಎಡ ಮೊಣಕಾಲು ಸುಟ್ಟಿತ್ತು ಅಂದಳು. ಅವತ್ತಿನಿಂದ ಊರಲ್ಲಿ ಅವನನ್ನು ಯಾರೂ ಇನ್ನೊಂದು ಹೆಸರಿನಿಂದ ಕರೆದಿಲ್ಲ ಅಂದಳು. ನ್ಯಾಯಾಧೀಶರು ಮೊಣಕಾಲು ನೋಡಿ ಬರೆದುಕೊಂಡರು. ಹೆಸರನ್ನು ತಾಯಿ ಮತ್ತು ಊರು ಕಟ್ಟಿಕೊಟ್ಟರು, ಕೈಯನ್ನು ನಾನು. ಎರಡೂ ಸೇರಿ ತೀರ್ಪು ಬಂತು.

ಅವತ್ತು ನಾನು ಹೊರಗೆ ಬೇವಿನ ಮರದ ಕೆಳಗೆ ನಿಂತಿದ್ದೆ. ತಮ್ಮನ ಹೆಂಡತಿ ಹತ್ತಿರ ಬಂದಳು. ಸೆರಗು ಸರಿ ಮಾಡಿಕೊಂಡು, "ಸಾಹೇಬ್ರ, ನಮ್ ಮನಿಯವರ ಹೆಬ್ಬಟ್ಟ ನಿಮ್ ಹತ್ರ ಅದಂತಲ್ರಿ. ಒಮ್ಮೆ ತೋರಸ್ತೀರೇನ್ರಿ?" ಅಂದಳು. ನನಗೆ ಮೊದಲು ಅರ್ಥವಾಗಲಿಲ್ಲ. ಆಮೇಲೆ ಹೊಳೆಯಿತು. ಗಂಡನ ಮುಖವನ್ನು ಅವಳು ದಿನಾ ನೋಡುತ್ತಿದ್ದಳು, ಭಾವನ ಮುಖದಲ್ಲಿ. ಗಂಡನದೇ ಅನ್ನುವುದು ಆ ಬಾಂಡಿನ ಮೇಲಿನ ಗುರುತು ಒಂದೇ.

ಚೀಲದಲ್ಲಿ ಬಾಂಡಿನ ದೊಡ್ಡದು ಮಾಡಿದ ಫೋಟೊ ಇತ್ತು. ಅವಳ ಕೈಗೆ ಕೊಟ್ಟೆ. ಅವಳು ಗೆರೆಗಳ ಮೇಲೆ ತನ್ನ ಬೆರಳು ಇಡಲಿಲ್ಲ. ಪಕ್ಕದ ಖಾಲಿ ಜಾಗದಲ್ಲಿ ಇಟ್ಟುಕೊಂಡು ಬಹಳ ಹೊತ್ತು ನೋಡಿದಳು.