ಜೋಕಿನ ನೋಟ್‌ಬುಕ್ ಬೇಡ, ನಿಮ್ಮ ಅತ್ತೆಯ ಕತೆ ಹೇಳಿ

ತಿಂಗಳಿಗೆ ಒಬ್ಬರಾದರೂ ಬರುತ್ತಾರೆ. ಕೈಯಲ್ಲಿ ದಪ್ಪ ನೋಟ್‌ಬುಕ್. "ಸರ್, ಐನೂರು ಜೋಕ್ ಇವೆ, ಎಲ್ಲಾ ಸ್ವಂತದ್ದು. ಕಾಮಿಡಿ ಸೀರಿಯಲ್‌ಗೆ ಬರೆಯೋಕೆ ಒಂದು ಚಾನ್ಸ್ ಕೊಡಿ." ಓದುತ್ತೇನೆ. ಕೆಲವು ನಿಜವಾಗಿಯೂ ಚೆನ್ನಾಗಿರುತ್ತವೆ. ಆದರೂ ನೋಟ್‌ಬುಕ್ ವಾಪಸ್ ಕೊಡುತ್ತೇನೆ. ಅವರ ಮುಖ ಸಪ್ಪೆಯಾಗುತ್ತದೆ, ನನಗೂ ಸಂಕಟ. ಜೋಕ್ ಅಲ್ಲ, ಪಾತ್ರ ತನ್ನಿ ಅಂತ ಇಷ್ಟು ವರ್ಷದಿಂದ ಹೇಳುತ್ತಿದ್ದೇನಲ್ಲ ಅಂತ ಸಿಟ್ಟೂ ಬರುತ್ತದೆ.

ಲೆಕ್ಕ ಹಾಕಿ. ಅರ್ಧ ಗಂಟೆಯ ಸ್ಲಾಟಿನಲ್ಲಿ ಜಾಹೀರಾತು ಕಳೆದರೆ ಸುಮಾರು 22 ನಿಮಿಷ. ವಾರಕ್ಕೆ ಐದು ಎಪಿಸೋಡ್. ನಿಮಿಷಕ್ಕೆ ಎರಡೇ ಜೋಕ್ ಅಂದರೂ ವಾರಕ್ಕೆ 220 ಬೇಕು. ನಿಮ್ಮ ಐನೂರು ಜೋಕ್ ಮೂರನೇ ವಾರದಲ್ಲಿ ಖಾಲಿ.

ಈಟಿವಿ ಕನ್ನಡದಲ್ಲಿ ಸಿಹಿಕಹಿ ಚಂದ್ರು ಅವರ ಕಾಮಿಡಿ ಸೀರಿಯಲ್ 'ಪಾಪ ಪಾಂಡು' ವರ್ಷಗಟ್ಟಲೆ ಓಡಿತು. 2018ರಲ್ಲಿ ಕಲರ್ಸ್ ಸೂಪರ್‌ನಲ್ಲಿ ಮತ್ತೆ ಬಂತು. ಅದರ ಹಳೇ ಜೋಕ್ ಒಂದನ್ನು ಹೇಳಿ ನೋಡೋಣ ಅಂದರೆ ಜಾಸ್ತಿ ಜನ ತಡವರಿಸುತ್ತಾರೆ. ಪಾಂಡು ಯಾರು, ಶ್ರೀಮತಿ ಯಾರು ಅಂತ ಕೇಳಿ, ತಕ್ಷಣ ಹೇಳುತ್ತಾರೆ.

ಹಾಸನದ ಕಡೆಯ ಹುಡುಗನೊಬ್ಬ ಬಂದಿದ್ದ. ಅವನ ನೋಟ್‌ಬುಕ್ ಮುಚ್ಚಿ, ಕಾಫಿ ತರಿಸಿ, "ನಿಮ್ಮ ಮನೆಯಲ್ಲಿ ಯಾರ ಕಾಟ ಜಾಸ್ತಿ?" ಅಂತ ಕೇಳಿದೆ. ಸ್ವಲ್ಪ ಹಿಂಜರಿದು ಅತ್ತೆಯ ವಿಷಯ ತೆಗೆದ. ಅತ್ತೆ ಯಾವ ಸೀರೆ ತಂದರೂ ಮಾವನ ಹತ್ತಿರ ಅರ್ಧ ಬೆಲೆ ಹೇಳುತ್ತಾರಂತೆ. ಒಂದು ದಿನ ಮಾವ ಆಫೀಸಿನಲ್ಲಿ ನಾಲ್ಕು ಜನರಿಂದ ಅದೇ ಅರ್ಧ ಬೆಲೆ ಇಸ್ಕೊಂಡು ಬಂದು, "ಇಂಥದ್ದೇ ನಾಲ್ಕು ಸೀರೆ ತಂದುಬಿಡೇ" ಅಂದರಂತೆ. ಉಳಿದರ್ಧ ಹೊಂದಿಸೋಕೆ ಅತ್ತೆ ಚೀಟಿ ಎತ್ತಿದರು. ಚೀಟಿ ದುಡ್ಡು ಎಲ್ಲಿ ಅಂತ ಮಾವ ಕೇಳಿದಾಗ ಅದಕ್ಕೊಂದು ಸುಳ್ಳು. ಹುಡುಗ ಇಪ್ಪತ್ತು ನಿಮಿಷ ನಿಲ್ಲಿಸದೆ ಹೇಳಿದ. ಅದರಲ್ಲಿ ಒಂದೂ ಜೋಕ್ ಇರಲಿಲ್ಲ. ನಾನು ನಕ್ಕು ನಕ್ಕು ಕಣ್ಣು ಒರೆಸಿಕೊಂಡೆ.

ಮುಂದಿನ ಭಾನುವಾರ ಅದನ್ನೇ ಬರೆದು ತಂದ. ಕೊನೇ ಸೀನಿನಲ್ಲಿ ಅತ್ತೆ ಅಳುತ್ತಾ ನಿಜ ಒಪ್ಪಿಕೊಳ್ಳುತ್ತಾರೆ, ಇನ್ನು ಸುಳ್ಳು ಹೇಳಲ್ಲ ಅಂತ ಆಣೆ ಮಾಡುತ್ತಾರೆ. ಎಲ್ಲರೂ ಎಡವುವುದು ಇಲ್ಲೇ, ದಯವಿಟ್ಟು ಗಮನ ಕೊಡಿ. ಅತ್ತೆ ಬದಲಾದರೆ ನಾಳೆ ಏನು ಬರೆಯುತ್ತೀರಿ? ಇವತ್ತು ಸೀರೆ, ನಾಳೆ ಮಿಕ್ಸಿ, ನಾಡಿದ್ದು ಮಗಳ ಮದುವೆಯ ಛತ್ರದ ಬಾಡಿಗೆ. ಆ ಚಟ ಇರುವವರೆಗೆ ಎಪಿಸೋಡ್ ಹುಟ್ಟುತ್ತಲೇ ಇರುತ್ತದೆ. ಅತ್ತೆ ಸಿಕ್ಕಿಬೀಳಲಿ, ಬೈಸಿಕೊಳ್ಳಲಿ, ದುಡ್ಡು ಕಳೆದುಕೊಳ್ಳಲಿ. ಬುದ್ಧಿ ಮಾತ್ರ ಬರಬಾರದು. ಮೊದಲನೇ ಸೀನಿನಲ್ಲಿ ಎಲ್ಲಿದ್ದರೋ ಕೊನೇ ಸೀನಿನಲ್ಲೂ ಅಲ್ಲೇ ಇರಬೇಕು. ಮಾವನೂ ಅಷ್ಟೇ, ಪ್ರತಿ ಸಲ ನಂಬಬೇಕು. ಯಾಕೆ ನಂಬುತ್ತಾರೆ? ಹೆಂಡತಿ ಜಾಣೆ ಅಂತ ಊರೆಲ್ಲ ಹೇಳಿಕೊಂಡು ತಿರುಗುವ ಮನುಷ್ಯ ಅವರು. ಆ ಹೆಮ್ಮೆ ಬಿಡೋಕಾಗಲ್ಲ. ಇಬ್ಬರ ಚಟವೂ ಒಂದಕ್ಕೊಂದು ಹೊಂದಿಕೊಂಡರೆ ಮನೆ ಸೆಟ್ ಒಂದೇ ಸಾಕು. ನಿರ್ಮಾಪಕರಿಗೂ ಅದೇ ಬೇಕು.

ಎಲ್ಲಾ ಕಾರ್ಯಕ್ರಮಕ್ಕೂ ಇದೇ ಲೆಕ್ಕ ಅಂತ ನಾನು ಹೇಳಲಾರೆ. ವೇದಿಕೆ ಮೇಲಿನ ಸ್ಕಿಟ್ ಶೋಗಳಲ್ಲಿ ಕೆಲವೇ ನಿಮಿಷಕ್ಕೆ ಕತೆ ಮುಗಿಯುತ್ತದೆ, ಅಲ್ಲಿ ಪಂಚ್ ಡೈಲಾಗಿಗೆ ಬೆಲೆ ಜಾಸ್ತಿ. ನಿಮ್ಮ ನೋಟ್‌ಬುಕ್ ಅಲ್ಲಿ ಕೆಲಸಕ್ಕೆ ಬರಬಹುದು.

ದುಡ್ಡಿನ ವಿಷಯ ಒಂದೇ ಮಾತು. ನನಗೆ ತಿಳಿದ ಮಟ್ಟಿಗೆ ಹೊಸಬರಿಗೆ ಎಪಿಸೋಡ್ ಲೆಕ್ಕದಲ್ಲೇ ಕೊಡುವುದು, ಅದೂ ಪ್ರಸಾರವಾಗಿ ಎಷ್ಟೋ ದಿನದ ಮೇಲೆ. ಇರುವ ಕೆಲಸ ಸುಮ್ನೆ ಬಿಡಬೇಡಿ. ಆ ಹುಡುಗನಿಗೂ ಇದನ್ನೇ ಹೇಳಿದೆ, ಕೇಳಿದ.

ಮೂರನೇ ಭಾನುವಾರ ಹನ್ನೊಂದು ಒನ್‌ಲೈನ್, ಅಂದರೆ ಎಪಿಸೋಡ್ ಕತೆಯ ಚಿಕ್ಕ ಸಾರಾಂಶ, ತಂದ. ಒಂದರಲ್ಲಿ ಮಾವನೇ ಹೊಸ ಟಿವಿ ತರುತ್ತಾರೆ, ಹೆಂಡತಿಗಿಂತ ತಾನೇನು ಕಮ್ಮಿ ಅಂತ ಕಾಲು ಭಾಗ ಬೆಲೆ ಹೇಳುತ್ತಾರೆ. ಅತ್ತೆಗೆ ಅದು ಸುಳ್ಳು ಅಂತ ಗೊತ್ತು. ಆದರೆ ಹೇಗೆ ಗೊತ್ತಾಯಿತು ಅಂತ ಬಾಯಿ ಬಿಡುವ ಹಾಗಿಲ್ಲ. ಅದರ ಸೀನ್ ಆರ್ಡರ್, ಅಂದರೆ ಯಾವ ಸೀನ್ ಆದಮೇಲೆ ಯಾವುದು ಅನ್ನೋ ಪಟ್ಟಿ, ಮಾಡೋಕೆ ಅವತ್ತೇ ಕೂತೆವು.